ಕೊರಪ್ಪೊಳಕ್ಕನಿಗೆ ಗೊತ್ತಿದ್ದ 'ಹೌದು'

ವಿದೇಶದ ನಾರ್ತ್ ಯಾರ್ಕ್ ಊರಿನ ವೃದ್ಧಾಶ್ರಮವೊಂದರಲ್ಲಿ ನಾನು ನರ್ಸು. ಕೊರಪ್ಪೊಳಕ್ಕ ಅಲ್ಲಿನ ಹಿರಿಯರನ್ನು ಮೀಯಿಸಿ, ಉಣ್ಣಿಸಿ ನೋಡಿಕೊಳ್ಳುವವರು. ಹುದ್ದೆಯಲ್ಲಿ ನಾನು ಮೇಲೆ, ಬೇರೆ ಯಾವುದರಲ್ಲೂ ಅಲ್ಲ. ಬೆಳ್ತಂಗಡಿ ಕಡೆಯ ಅವರು ಹದಿನೆಂಟು ವರ್ಷದಿಂದ ಥಾರ್ನ್‌ಕ್ಲಿಫ್ ಪಾರ್ಕ್ ಎಂಬ ಬಡಾವಣೆಯಿಂದ ಎರಡು ಬಸ್ಸು ಹಿಡಿದು ಬರುತ್ತಾರೆ, ಒಂದು ದಿನವೂ ತಡವಾದದ್ದಿಲ್ಲ. ಮನೆಮಾತು ತುಳು. ನನ್ನ ಮೈಸೂರು ಕನ್ನಡವನ್ನು ಅಣಕಿಸದೆ ಅವರಿಗೆ ಹೊತ್ತು ಹೋಗುವುದಿಲ್ಲ. ನನಗೆ ಸಿಟ್ಟೂ ಬರುತ್ತದೆ, ಸುಳ್ಳೇಕೆ ಹೇಳಲಿ.

ಕಳೆದ ಚಳಿಗಾಲದಲ್ಲಿ ಬೊಲಿವಿಯಾದ ಸತುರ್ನಿನಾ ಅಜ್ಜಿ ನಮ್ಮಲ್ಲಿಗೆ ಬಂದರು. ಫಾರ್ಮಿನಲ್ಲಿ ಭಾಷೆ ಎಂಬಲ್ಲಿ ಮಗಳು ಸ್ಪ್ಯಾನಿಷ್ ಎಂದು ಬರೆದಿದ್ದಳು. ಒಂದು ಬುಧವಾರ ಡಾಕ್ಟರು ಫೋನಿನಲ್ಲಿ ಸ್ಪ್ಯಾನಿಷ್ ದುಭಾಷಿಯನ್ನು ಹಿಡಿದು ಅಜ್ಜಿಗೆ ಮರೆವಿನ ಪರೀಕ್ಷೆ ಮಾಡಿದರು. ಈಗ ಬೇಸಿಗೆಯೇ ಎಂದರೆ ಅಜ್ಜಿ ನಗುತ್ತಾ ಹೌದು ಎಂದರು. ಚಳಿಗಾಲವೇ ಎಂದರೂ ಹೌದು. ನಾನು ಫೈಲಿನಲ್ಲಿ 'ಪೂರ್ತಿ ಗೊಂದಲ' ಎಂದು ಬರೆದೆ. ಬರುವ ಸೋಮವಾರ ಅವರನ್ನು ನಾಲ್ಕನೇ ಮಹಡಿಗೆ ಕಳಿಸುವುದೆಂದಾಯಿತು. ಮರೆವಿನವರನ್ನು ಇಡುವ ಆ ಮಹಡಿಯ ಬಾಗಿಲಿಗೆ ಸದಾ ಬೀಗ. ಅಲ್ಲಿಗೆ ಹೋದವರು ತಿರುಗಿ ಕೆಳಗೆ ಬಂದದ್ದನ್ನು ನಾನು ಕಂಡಿಲ್ಲ.

ಅಜ್ಜಿಯ ದಿಂಬು ಸರಿಮಾಡುತ್ತಿದ್ದ ಕೊರಪ್ಪೊಳಕ್ಕ ನನ್ನನ್ನು ಹೊರಗೆ ಕರೆದರು.

"ಆ ಹೌದು ನನಗೆ ಗೊತ್ತುಂಟು ದೀಪ್ತಿ. ಮಂಗಳೂರಿನ ಆಸ್ಪತ್ರೆಯಲ್ಲಿ ನನ್ನ ಅಮ್ಮ ಕನ್ನಡದ ಡಾಕ್ಟರಿಗೆ ಹೀಗೆಯೇ ಹೇಳಿದ್ದು. ನೋವುಂಟಾ ಅಂದ್ರೆ ಹೌದು, ಇಲ್ವಾ ಅಂದ್ರೂ ಹೌದು. ಅರ್ಥ ಆಗ್ಲಿಲ್ಲ ಅಂತ ಹೇಳ್ಲಿಕ್ಕೆ ನಾಚಿಕೆ. ಇವರ ಮನೆಮಾತು ಬೇರೆ ಎಂತದೋ ಉಂಟು."

ಬೊಲಿವಿಯಾ ಎಂದರೆ ಸ್ಪ್ಯಾನಿಷ್, ಅಷ್ಟೇ ಎಂದು ನಾನು ವಾದಿಸಿದೆ. ಕರ್ನಾಟಕ ಎಂದರೆ ಕನ್ನಡ, ಅಷ್ಟೆಯಾ ಎಂದು ಅವರು ಕೇಳಿದರು. ತುಳು ಎಂದು ಬರೆದರೆ ಎಲ್ಲರಿಗೂ ವಿವರಿಸುತ್ತಾ ಕೂರಬೇಕೆಂದು ತಾವೂ ಇಲ್ಲಿನ ಪ್ರತಿ ಫಾರ್ಮಿನಲ್ಲಿ ಕನ್ನಡವೆಂದೇ ಬರೆದಿದ್ದಾರಂತೆ. ಅಜ್ಜಿಯ ಮಗಳೂ ಅದನ್ನೇ ಮಾಡಿದ್ದಾಳೆ ಎಂಬುದರಲ್ಲಿ ಅವರಿಗೆ ಎಳ್ಳಷ್ಟೂ ಅನುಮಾನವಿರಲಿಲ್ಲ.

ಹತ್ತಿರದ ಅರೋರಾ ಊರಿನಲ್ಲಿದ್ದ ಮಗಳಿಗೆ ನನ್ನಿಂದಲೇ ಫೋನು ಮಾಡಿಸಿದರು. ಅಮ್ಮನ ಮಾತು ಅಲ್ಲಿನ ಬೆಟ್ಟದ ಜನರ ಕೆಚುವಾ, ಸ್ಪ್ಯಾನಿಷ್ ಸಂತೆಯ ವ್ಯಾಪಾರಕ್ಕೆ ಸಾಕಾಗುವಷ್ಟು ಮಾತ್ರ ಎಂದು ಆಕೆ ಒಪ್ಪಿಕೊಂಡಳು. ಡಾಕ್ಟರೇ ಮರೆವು ಎಂದ ಮೇಲೆ ತಾನೂ ನಂಬಿಬಿಟ್ಟೆ ಎಂದು ಅತ್ತಳು. ಇನ್ನೊಮ್ಮೆ ಪರೀಕ್ಷೆಯಾಗಲೇಬೇಕೆಂದು ಕೊರಪ್ಪೊಳಕ್ಕ ಪಟ್ಟು ಹಿಡಿದರು. ಡಾಕ್ಟರು ಗೊಣಗುತ್ತಲೇ ಒಪ್ಪಿದರು. ಶುಕ್ರವಾರ ಕೆಚುವಾ ಬಲ್ಲ ದುಭಾಷಿಯೊಬ್ಬರು ಫೋನಿಗೆ ಸಿಕ್ಕರು.

ಮೊದಲ ಮಾತು ಕಿವಿಗೆ ಬಿದ್ದದ್ದೇ ತಡ, ಅಜ್ಜಿ ನೆಟ್ಟಗೆ ಎದ್ದು ಕೂತರು. ವಾರ, ತಿಂಗಳು, ಊರು, ಮಹಡಿ ಎಲ್ಲವೂ ಸರಿಯಿತ್ತು. ಯಾರು ಯಾವ ಶಿಫ್ಟಿಗೆ ಬರುತ್ತಾರೆಂಬುದನ್ನೂ ಹೇಳಿದರು. ಡಾಕ್ಟರು ನಾಲ್ಕನೇ ಮಹಡಿಯ ಕಾಗದವನ್ನು ಹರಿದರು. ಏನಾದರೂ ಹೇಳುವುದಿದೆಯೇ ಎಂದು ಕೊನೆಗೆ ಕೇಳಿದಾಗ ಅಜ್ಜಿ ನನ್ನತ್ತ ಬೆರಳು ತೋರಿಸಿದರು. ದುಭಾಷಿ ಸಂಕೋಚದಿಂದಲೇ ಅದನ್ನು ಇಂಗ್ಲಿಷಿಗೆ ತಂದರು:

"ಈ ಹುಡುಗಿಯನ್ನು ಕೆಲಸದಿಂದ ತೆಗೆಯಬೇಡಿ. ಒಳ್ಳೆಯವಳು. ಪಾಪ, ಅವಳಿಗೆ ಏನು ಹೇಳಿದರೂ ಅರ್ಥವಾಗುವುದಿಲ್ಲ."

ನನಗೆ ನಾಚಿಕೆಯಾಯಿತು, ನಗುವೂ ತಡೆಯಲಾಗಲಿಲ್ಲ. ಫೈಲು ತೆಗೆದು, ಬುಧವಾರ ಬರೆದ ಸಾಲನ್ನು ಹೊಡೆದುಹಾಕಿ ಪಕ್ಕದಲ್ಲಿ ಸಹಿ ಮಾಡಿದೆ.