ಬಿಳಿ ಕಾರಿನ ಹಾರನ್

ನಮ್ಮ ಮನೆಯಲ್ಲಿ ಡಿಗ್ರಿ ಅನ್ನುವುದು ಯಾರ ಕೈಗೂ ಬರುವುದಿಲ್ಲ ಎಂದು ಹೇಳಿದವರು ನಮ್ಮ ದೊಡ್ಡಪ್ಪ, ನಂಜುಂಡಪ್ಪನವರು. ಸಿಟ್ಟಿನಲ್ಲಿ ಹೇಳಿದ್ದಲ್ಲ. ಊಟ ಮುಗಿಸಿ ಎದ್ದು, ಟವೆಲಿನಲ್ಲಿ ಕೈ ಒರೆಸಿಕೊಳ್ಳುತ್ತಾ, ನಾಳೆ ನಲ್ಲಿಯಲ್ಲಿ ನೀರು ಬರುವುದಿಲ್ಲ ಎಂದು ಹೇಳುವಷ್ಟೇ ಸಹಜವಾಗಿ ಹೇಳಿದ್ದರು. ಮೊನ್ನೆ ನಾನು ಪಾಠ ಮಾಡುವ ಕಾಲೇಜಿನಿಂದ ಮನೆಗೆ ಬರುತ್ತಿದ್ದಾಗ ಹಿಂದಿನಿಂದ ಯಾವುದೋ ಹಳೆಯ ಕಾರು ಹಾರನ್ ಹೊಡೆಯಿತು. ಈಗಿನ ಕಾರುಗಳ ತೆಳ್ಳನೆಯ ಕೀಚು ಸದ್ದಲ್ಲ. ಶೀತವಾದ ಗಂಡಸು ಗಂಟಲು ಸರಿಮಾಡಿಕೊಂಡು ಕರೆದಂತೆ, ದಪ್ಪಗೆ, ಸ್ವಲ್ಪ ಒಡೆದ ದನಿ. ಕಾರು ಮುಂದೆ ಹೋಯಿತು, ನಾನು ಫುಟ್‌ಪಾತಿನ ಮೇಲೆ ನಿಂತೇ ಇದ್ದೆ. ಶ್ರೀರಾಂಪುರದ ಅಂಚಿನ ನಮ್ಮ ಹೆಂಚಿನ ಮನೆ, ಅಂಗಳದ ನೇರಳೆ ಮರ, ಅದರ ಕೆಳಗೆ ಹಣ್ಣಿನ ಕಲೆ ಮೆತ್ತಿಕೊಂಡು ನಿಲ್ಲುತ್ತಿದ್ದ ಬಿಳಿ ಕಾರು, ಎಲ್ಲ ಒಟ್ಟಿಗೆ ಎದುರಿಗೆ ಬಂದು ನಿಂತವು. ನಿಮಗೂ ಅಂಥ ಒಂದು ಸದ್ದು ಇದ್ದೇ ಇರುತ್ತದೆ. ಮನೆ ಹೋಗಿರುತ್ತದೆ, ಜನ ಹೋಗಿರುತ್ತಾರೆ, ಸದ್ದು ಮಾತ್ರ ಎಲ್ಲೋ ಬೇರೆಯವರ ಗಾಡಿಯೊಳಗೆ ಕೂತು ಊರು ಸುತ್ತುತ್ತಿರುತ್ತದೆ.

ಆ ಕಾರು ಅಪ್ಪನದು. ಅಂದರೆ ಓಡಿಸುತ್ತಿದ್ದವರು ಅಪ್ಪ. ಅದು ಯಾವತ್ತು ಎಲ್ಲಿಗೆ ಹೋಗಬೇಕು, ಯಾವಾಗ ಎಣ್ಣೆ ಬದಲಿಸಬೇಕು, ಇನ್ನೆಷ್ಟು ವರ್ಷ ಇರಬೇಕು ಎಂದು ತೀರ್ಮಾನಿಸುತ್ತಿದ್ದವರು ದೊಡ್ಡಪ್ಪ. ನಮ್ಮ ಮನೆಯಲ್ಲಿ ಎಲ್ಲವೂ ಹಾಗೆಯೇ. ಗೋಕುಲಂ ಬಡಾವಣೆಗೆ ಯೋಗ ಕಲಿಯಲು ಬರುತ್ತಿದ್ದ ಫಾರಿನ್ನಿನವರೇ ಅಪ್ಪನ ಖಾಯಂ ಗಿರಾಕಿಗಳು. ಅವರನ್ನು ಬೆಟ್ಟಕ್ಕೆ, ನಂಜನಗೂಡಿಗೆ, ಒಮ್ಮೊಮ್ಮೆ ಬೆಂಗಳೂರಿನ ಏರ್‌ಪೋರ್ಟಿಗೆ ಕರೆದೊಯ್ಯುತ್ತಿದ್ದರು. ಸೀಟಿನ ರೆಕ್ಸಿನ್ನು ಬಿಸಿಲಿಗೆ ಕಾದಾಗ ಬರುತ್ತಿದ್ದ ವಾಸನೆ, ಡ್ಯಾಶ್‌ಬೋರ್ಡಿನ ಮೇಲೆ ಬಾಡಿದ ಸೇವಂತಿಗೆ, ಪೆಟ್ರೋಲು, ಇವೆಲ್ಲದರ ಮೇಲೆ ತೆಳ್ಳಗೆ ಹರಡಿಕೊಂಡಿದ್ದ ಹಸಿ ವಿಭೂತಿಯ ಕಂಪು. ಆ ವಿಭೂತಿ ಅಜ್ಜಿಯದು. ಬೆಳಗಿನ ಜಾವವೇ ಮಿಂದು, ಲಿಂಗಪೂಜೆ ಮುಗಿಸಿ, ಮಠದಿಂದ ತಂದ ವಿಭೂತಿ ಗಟ್ಟಿಯನ್ನು ನೀರಿನಲ್ಲಿ ತೇದು, ಮೊದಲು ತನ್ನ ಹಣೆಗೆ, ಆಮೇಲೆ ನಮ್ಮೆಲ್ಲರ ಹಣೆಗೆ, ಕೊನೆಗೆ ಅಂಗಳಕ್ಕಿಳಿದು ಕಾರಿನ ಬಾಗಿಲು ತೆಗೆದು ಸ್ಟೇರಿಂಗಿನ ನಡುವೆ ಇದ್ದ ದುಂಡನೆಯ ಹಾರನ್ ಗುಂಡಿಗೆ ಮೂರು ಬೆರಳಿನಿಂದ ಮೂರು ಪಟ್ಟೆ ಎಳೆಯುತ್ತಿದ್ದಳು. "ಗಾಡಿಗೆ ಹಣೆ ಅಂತ ಇರೋದು ಅದೊಂದೇ ಕಣಮ್ಮ" ಅನ್ನುತ್ತಿದ್ದಳು. ಮುಂದಿನ ಗಾಜಿಗೆ ಹಚ್ಚಿದರೆ ಅಪ್ಪನಿಗೆ ದಾರಿ ಕಾಣುವುದಿಲ್ಲ, ಬಾನೆಟ್ಟಿಗೆ ಹಚ್ಚಿದರೆ ಕಾಗೆ ಗಲೀಜು ಮಾಡುತ್ತದೆ. ಸ್ಟೇರಿಂಗ್ ಆದರೆ ಮಗನ ಕೈಯ ಕೆಳಗೇ ಶಿವ ಇರುತ್ತಾನೆ. ಇದು ಅವಳ ಲೆಕ್ಕ, ಅದರಲ್ಲಿ ತಪ್ಪು ಹುಡುಕುವ ಧೈರ್ಯ ಯಾರಿಗಿತ್ತು?

ಹಾರನ್ ಕೈಕೊಟ್ಟದ್ದು ಒಮ್ಮೆಲೇ ಅಲ್ಲ. ಮೊದಮೊದಲು ಅಪ್ಪ ಗುಂಡಿಯನ್ನು ಸ್ವಲ್ಪ ಜೋರಾಗಿ ಒತ್ತಬೇಕಾಗುತ್ತಿತ್ತು. ಆಮೇಲೆ ಅಂಗೈ ಇಟ್ಟು ಅಮುಕಬೇಕಾಯಿತು. ಕೊನೆಗೆ ಮುಷ್ಟಿಯಿಂದ ಗುದ್ದಿದರೂ ಸುಮ್ಮನೆ ಕೂತಿರುತ್ತಿತ್ತು. ಅಪ್ಪ ಸಿಟ್ಟಾಗುವ ಜನವಲ್ಲ. ಎಡಗೈ ಕಿಟಕಿಯಾಚೆ... ಅಲ್ಲ, ಸ್ಟೇರಿಂಗು ಬಲಕ್ಕಲ್ಲವೇ, ಬಲಗೈ ಕಿಟಕಿಯಾಚೆ ಹಾಕಿ ಬಾಗಿಲ ತಗಡನ್ನು ಪಟಪಟನೆ ಬಡಿದು "ಸೈಡ್ ಸೈಡ್!" ಎಂದು ಕೂಗಿಕೊಂಡು ಹೋಗುವುದನ್ನು ಅಭ್ಯಾಸ ಮಾಡಿಕೊಂಡರು. ಬೆಟ್ಟದ ತಿರುವುಗಳಲ್ಲಿ ಹಿಂದೆ ಕೂತ ಫಾರಿನ್ನಿನವರೂ ಇದನ್ನು ಕಲಿತು, ಎರಡೂ ಕಡೆಯ ಬಾಗಿಲು ಬಡಿದು "ಸೈಡ್ ಸೈಡ್!" ಎಂದು ಕೂಗುತ್ತಿದ್ದರಂತೆ. ರಾತ್ರಿ ಊಟದ ಹೊತ್ತಿಗೆ ಅಪ್ಪ ಇದನ್ನು ನಟಿಸಿ ತೋರಿಸಿದರೆ ಅಜ್ಜಿ ಸೆರಗು ಬಾಯಿಗಿಟ್ಟುಕೊಂಡು ನಗುತ್ತಿದ್ದಳು. ದೊಡ್ಡಪ್ಪ ಮಾತ್ರ ನಗುತ್ತಿರಲಿಲ್ಲ. ಯಾಕೆಂದರೆ ಗಾಡಿ ರಸ್ತೆಗಿಳಿಯಲು ಯೋಗ್ಯ ಎಂಬ ಎಫ್‌ಸಿ ಪತ್ರದ ಅವಧಿ ಮುಗಿಯುತ್ತಾ ಬಂದಿತ್ತು. ತಪಾಸಣೆಯಲ್ಲಿ ಹಾರನ್ ಕೂಗದಿದ್ದರೆ ಎಫ್‌ಸಿ ಇಲ್ಲ, ಎಫ್‌ಸಿ ಇಲ್ಲದೆ ಬಾಡಿಗೆಗೆ ಓಡಿಸುವಂತಿಲ್ಲ.

ಅದೇ ಬೇಸಿಗೆಯಲ್ಲಿ ನನ್ನ ಹತ್ತನೇ ಕ್ಲಾಸಿನ ರಿಸಲ್ಟು ಬಂದಿತ್ತು. ಪಾಸಾಗಿದ್ದೆ, ಚೆನ್ನಾಗಿಯೇ. ನಮ್ಮ ವಂಶದಲ್ಲಿ ಅಷ್ಟು ದೂರ ಬಂದಿದ್ದವಳು ನಾನೊಬ್ಬಳೇ. ನನಗೆ ಪಿಯುಸಿಗೆ ಸೈನ್ಸ್ ತೆಗೆದುಕೊಳ್ಳಬೇಕು, ಆಮೇಲೆ ಡಿಗ್ರಿ ಮಾಡಬೇಕು ಎಂಬ ಆಸೆ. ಅದನ್ನು ಬಾಯಿಬಿಟ್ಟು ಹೇಳಿದ ದಿನವೇ ದೊಡ್ಡಪ್ಪ ಡಿಗ್ರಿ ಯಾರ ಕೈಗೂ ಬರುವುದಿಲ್ಲ ಎಂಬ ಆ ಮಾತು ಆಡಿದ್ದು. ಟೈಲರಿಂಗ್ ಕ್ಲಾಸಿಗೆ ಸೇರಿಸುವುದೆಂದು ಅವರೇ ತೀರ್ಮಾನಿಸಿಯೂ ಆಗಿತ್ತು. ಅಪ್ಪ ತಟ್ಟೆ ನೋಡುತ್ತಾ ಕೂತರು. ಅಮ್ಮ ಬಾಗಿಲ ಸಂದಿಯಲ್ಲಿ ನಿಂತು ನನ್ನ ಮುಖ ನೋಡಿದಳು, ಒಳಗೆ ಹೋದಳು. ಅಮ್ಮ ಮಾತು ಕಮ್ಮಿ.

ಎಫ್‌ಸಿಗೆ ಹೋಗಬೇಕಾದ ಸೋಮವಾರದ ಹಿಂದಿನ ಶನಿವಾರ ಅಪ್ಪ ಕಾರನ್ನು ಉದಯಗಿರಿಯ ರಫೀಕಣ್ಣನ ಹತ್ತಿರ ಒಯ್ದರು. ವಾಹನಗಳ ಕರೆಂಟಿನ ಕೆಲಸ ಮಾಡುತ್ತಿದ್ದ ರಫೀಕಣ್ಣನಿಗೆ ನಮ್ಮ ಕಾರೆಂದರೆ ಮನೆಯ ಹಸುವಿದ್ದಂತೆ. ನಾನೂ ಜೊತೆಗೆ ಹೋಗಿದ್ದೆ. ಆದರೆ ಆತ ತಂಗಿಯ ಮದುವೆಗೆಂದು ಷಟರ್ ಎಳೆಯುತ್ತಿದ್ದ. "ಅಣ್ಣಾ, ಒಳಗಡೆ ವೈರಿಂಗೆಲ್ಲಾ ನೋಡ್ಬೇಕಾಗ್ತದೆ, ಒಂದಿನ ಬೇಕು. ಬುಧವಾರ ತಗೊಂಬನ್ನಿ, ನಾನೇ ಕೂತು ಮಾಡ್ಕೊಡ್ತೀನಿ" ಅಂದ. ಬುಧವಾರ ತಡವಾಗುತ್ತದೆ. ಕರೆಂಟು ಬರುತ್ತಿದೆಯೇ ಎಂದು ನೋಡಲು ಅವನು ಹೋಲ್ಡರಿಗೆ ಎರಡು ವೈರು ಕಟ್ಟಿಟ್ಟುಕೊಂಡಿದ್ದ ಬಲ್ಬನ್ನು ನಾನು ತೋರಿಸಿ ಇದನ್ನು ಎರಡು ದಿನ ಕೊಡುತ್ತೀರಾ ಎಂದು ಕೇಳಿದೆ. ರಫೀಕಣ್ಣ ಅಪ್ಪನ ಮುಖ ನೋಡಿದ. "ತಗೊಳಮ್ಮ. ಪ್ಲಸ್ಸು ಮೈನಸ್ಸು ಒಂದಕ್ಕೊಂದು ತಾಕಿಸ್ಬೇಡ, ಅಷ್ಟೇ" ಎಂದು ಕೊಟ್ಟೇ ಬಿಟ್ಟ.

ಮನೆಗೆ ಬಂದಾಗ ದೊಡ್ಡಪ್ಪ ಜಗುಲಿಯ ಮೇಲಿದ್ದರು. ವಿಷಯ ಕೇಳಿ "ಈ ಗಾಡಿ ಸವಾಸ ಸಾಕು, ಗುಜರಿಗೆ ಹಾಕ್ಬುಡು" ಅಂದರು. ನಾನು, ದೊಡ್ಡಪ್ಪ ನಾನೊಂದು ಸಲ ನೋಡಲಾ ಎಂದೆ. ಅವರಿಗೆ ನಿಜವಾಗಿ ನಗು ಬಂತು.

"ನೀನಾ, ಗಿರಿಜಾ? ಸೈನ್ಸು ಸೈನ್ಸು ಅಂತ ಕುಣೀತಿದ್ದೀಯಲ್ಲ, ನೋಡೇ ಬುಡಣ. ನಾಳೆ ಸಾಯಂಕಾಲದೊಳಗೆ ಇದನ್ನ ಕೂಗ್ಸು, ನಾನೇ ಕರ್ಕೊಂಡೋಗಿ ಕಾಲೇಜಿಗೆ ಸೇರಿಸ್ತೀನಿ. ಕೂಗ್ಲಿಲ್ಲ ಅಂದ್ರೆ ಬಾಯ್ಮುಚ್ಕೊಂಡು ಹೊಲಿಗೆ ಕಲಿ."

ಒಳಗೆ ಅಕ್ಕಿ ಆರಿಸುತ್ತಿದ್ದ ಅಜ್ಜಿ ಮೊರ ಕೆಳಗಿಡದೆ ಹೊಸಿಲಿಗೆ ಬಂದಳು. "ಆಡ್ಬುಟ್ಟೆ ಕಣೋ ನಂಜುಂಡು. ನಾನ್ ಕೇಳಿಸ್ಕಂಡಿದ್ದೀನಿ."

ಆ ರಾತ್ರಿ ನಾನು ಸರಿಯಾಗಿ ಮಲಗಲಿಲ್ಲ. ಭಾನುವಾರ ಬೆಳಿಗ್ಗೆ ತಿಂಡಿ ಮುಗಿಸಿ, ಲಂಗ ಎತ್ತಿ ಸೊಂಟಕ್ಕೆ ಸಿಕ್ಕಿಸಿ, ಬಾನೆಟ್ ಎತ್ತಿದೆ. ಅಪ್ಪ ಪಕ್ಕದಲ್ಲಿ ನಿಂತರು, ಕೈ ಹಾಕಲಿಲ್ಲ. ನಮ್ಮ ಸರ್ಕಾರಿ ಶಾಲೆಯ ಮೇಷ್ಟರು ಬೋರ್ಡಿನ ಮೇಲೆ ಬ್ಯಾಟರಿ, ಬಲ್ಬು, ಸ್ವಿಚ್ಚು ಬರೆದು, ಹೊರಟ ಕರೆಂಟು ಮನೆಗೆ ವಾಪಸ್ ಬರಬೇಕು, ದಾರಿ ಎಲ್ಲಿ ತುಂಡಾಗಿದೆಯೋ ಅಲ್ಲಿಗೆ ನಿಲ್ಲುತ್ತದೆ ಎಂದು ಹೇಳಿಕೊಟ್ಟಿದ್ದರು. ನನಗೆ ಗೊತ್ತಿದ್ದದ್ದು ಅಷ್ಟೇ. ಹಾಗಾದರೆ ದಾರಿಯನ್ನು ತುಂಡು ತುಂಡಾಗಿ ನೋಡಬೇಕು. ಮೊದಲು ಹಾರನ್ನಿನ ವೈರು ಬಿಚ್ಚಿ, ಬೇರೆ ಎರಡು ವೈರಿನಿಂದ ನೇರವಾಗಿ ಬ್ಯಾಟರಿಗೇ ಮುಟ್ಟಿಸಿದೆ. ಅಯ್ಯಪ್ಪಾ, ಅದು ಕೂಗಿದ ಕೂಗಿಗೆ ನೇರಳೆ ಮರದ ಕಾಗೆಗಳೆಲ್ಲ ಎದ್ದವು, ಪಕ್ಕದ ಮನೆಯವರು ಬಾಗಿಲು ತೆಗೆದರು. ಜಗುಲಿಯಿಂದ ದೊಡ್ಡಪ್ಪ "ಅದು ಮೋಸ! ಗುಂಡಿ ಒತ್ತಿ ಕೂಗ್ಸು" ಎಂದರು. ಸರಿ, ಹಾರನ್ನಿಗೆ ಏನೂ ಆಗಿಲ್ಲ ಎಂದು ಗೊತ್ತಾಯಿತು. ಕಾರಿನದೇ ವೈರಿನಲ್ಲಿ ಕರೆಂಟು ಹಾರನ್ನಿನವರೆಗೆ ಬರುತ್ತಿದೆಯೇ? ರಫೀಕಣ್ಣನ ಬಲ್ಬಿನ ಒಂದು ತುದಿ ಅಲ್ಲಿಗೆ, ಇನ್ನೊಂದು ತುದಿ ಕಾರಿನ ಕಬ್ಬಿಣಕ್ಕೆ ಹಿಡಿದೆ. ಬಲ್ಬು ಉರಿಯಿತು. ಬರುವ ದಾರಿಯೂ ಸರಿ. ಹಾಗಾದರೆ ವಾಪಸ್ ಹೋಗುವ ದಾರಿ? ವೈರುಗಳನ್ನು ಮೊದಲಿನಂತೆ ಸಿಕ್ಕಿಸಿ, ಹಾರನ್ನಿನಿಂದ ಸ್ಟೇರಿಂಗಿಗೆ ಹೋಗುವ ಕಡೆಯನ್ನು ಒಂದು ತುಂಡು ವೈರಿನಿಂದ ಕಾರಿನ ಮೈಗೆ ಮುಟ್ಟಿಸಿದೆ. ಮತ್ತೆ ಕೂಗಿತು. ಗುಂಡಿ ಒತ್ತಿದಾಗ ಅದು ಮಾಡಬೇಕಾದ ಕೆಲಸವೂ ಅದೇ, ಆ ವೈರನ್ನು ಕಬ್ಬಿಣಕ್ಕೆ ಮುಟ್ಟಿಸುವುದು. ಅಂದರೆ ರೋಗ ಇರುವುದು ಸ್ಟೇರಿಂಗಿನ ಒಳಗೆ.

ಚಮಚದ ಹಿಡಿಯಿಂದ ಮೀಟಿದಾಗ ದುಂಡನೆಯ ಗುಂಡಿ ಕಳಚಿ ಕೈಗೆ ಬಂತು. ಅದರ ಕೆಳಗೆ ಒಂದು ಸ್ಪ್ರಿಂಗು, ಒಂದು ಹಿತ್ತಾಳೆ ಬಿಲ್ಲೆ. ಬಿಲ್ಲೆ ಎಂದು ಅಪ್ಪ ಹೇಳಿದ್ದಕ್ಕೆ ಗೊತ್ತಾಯಿತು, ನೋಡಲು ಸುಣ್ಣದ ಹಕ್ಕಳೆಯಂತಿತ್ತು. ಬೂದು ಬಣ್ಣದ, ಗಟ್ಟಿಯಾದ, ಪದರ ಪದರ ಕೂತ ಏನೋ. ಉಗುರಿನಿಂದ ಕೆರೆದು ಮೂಸಿದೆ. ಅಜ್ಜಿಯ ಬೆಳಗಿನ ವಾಸನೆ. ವರ್ಷಾನುಗಟ್ಟಲೆ ದಿನವೂ ಹಚ್ಚಿದ ಹಸಿ ವಿಭೂತಿ ಗುಂಡಿಯ ಅಂಚಿನ ಸಂದಿಯಿಂದ ಇಳಿದು, ಒಣಗಿ, ಮತ್ತೆ ಇಳಿದು, ಹಿತ್ತಾಳೆಗೂ ಕಬ್ಬಿಣಕ್ಕೂ ನಡುವೆ ಗೋಡೆ ಕಟ್ಟಿತ್ತು.

ಅಪ್ಪ ದನಿ ತಗ್ಗಿಸಿದರು. "ತುಕ್ಕು ಹಿಡಿದಿತ್ತು ಅಂದ್ಬುಡು ಕಣಮ್ಮ. ಅಜ್ಜಿ ನೊಂದ್ಕೋತಾಳೆ." ನನಗೂ ಅದೇ ಸುಲಭ ಅನ್ನಿಸಿತು. ದೊಡ್ಡಪ್ಪನ ಭಯವೂ ಇತ್ತು. ದೇವರ ವಿಭೂತಿಯ ಮೇಲೆ ತಪ್ಪು ಹೊರಿಸುವಷ್ಟು ಓದಿದಳೇ ಎಂದು ಅವರು ಅದನ್ನೇ ನೆಪ ಮಾಡಿಕೊಂಡರೆ ಕಾಲೇಜು ಅಲ್ಲಿಗೇ ಮುಗಿಯಿತು. ಆದರೆ ನಾಳೆ ಬೆಳಿಗ್ಗೆ ಎಫ್‌ಸಿಗೆ ಹೊರಡುವ ಮುಂಚೆ ಅಜ್ಜಿ ಬಂದು, ಅದೂ ಇನ್ನಷ್ಟು ಭಕ್ತಿಯಿಂದ, ಮತ್ತೆ ಮೂರು ಪಟ್ಟೆ ಎಳೆಯುತ್ತಾಳಲ್ಲ! ಗುಂಡಿ, ಬಿಲ್ಲೆ ಎರಡನ್ನೂ ಹಾಗೇ ಅಂಗೈಲಿಟ್ಟುಕೊಂಡು ಜಗುಲಿಗೆ ಹೋದೆ. ಎಲ್ಲರೆದುರೇ ಹೇಳಿದೆ.

ಅಜ್ಜಿ ಬಿಲ್ಲೆ ಇಸಿದುಕೊಂಡು ತಿರುಗಿಸಿ ತಿರುಗಿಸಿ ನೋಡಿದಳು. "ಮಗ ಸುಕ್ವಾಗಿ ತಿರುಗ್ಲಿ ಅಂತ ಅಚ್ಚುದ್ರೆ, ಗಾಡಿ ಬಾಯೇ ಕಟ್ಬುಟ್ನಾ ನಾನು?" ಎಂದಳು. ಅವಳ ದನಿ ನಡುಗಿತೋ ಎಂದು ನಾನು ಹೆದರುವಷ್ಟರಲ್ಲಿ ನಗು ಶುರುವಾಗಿತ್ತು, ಹೊಟ್ಟೆ ಹಿಡಿದುಕೊಂಡು ಕಂಬಕ್ಕೊರಗುವಂಥ ನಗು. "ಶಿವ ಕಾಯ್ತಾನೆ ಅಂದ್ಕಂಡಿದ್ದೆ. ಅವನಿಗೂ ಬೀದೀಲಿ ನಿಂತು ಸೈಡ್ ಸೈಡ್ ಅಂತ ಕೂಗೋ ಕೆಲ್ಸ ಕೊಟ್ಬುಟ್ಟಿದ್ದೀನಲ್ಲೇ ಗಿರಿಜೀ! ನಾಳೆಯಿಂದ ಚಕ್ರುಕ್ಕೆ ಅಚ್ತೀನಿ ಬುಡು."

ದೊಡ್ಡಪ್ಪ ಬಾಯಿ ತೆರೆದರು. ಅಜ್ಜಿ ಅವರ ಕಡೆ ತಿರುಗಿದಳು. ಅವರು ಬಾಯಿ ಮುಚ್ಚಿದರು.

ಉಪ್ಪು ಕಾಗದದಿಂದ ಬಿಲ್ಲೆಯನ್ನು ಉಜ್ಜಿದೆ. ಬೂದಿಯ ಕೆಳಗಿನಿಂದ ಹಿತ್ತಾಳೆ ಮೆಲ್ಲಗೆ ಹಳದಿಯಾಗಿ ಎದ್ದು ಬಂದ ಆ ಬಣ್ಣವನ್ನು ನಾನು ಇವತ್ತಿಗೂ ಮರೆತಿಲ್ಲ. ಸ್ಪ್ರಿಂಗು ಕೂರಿಸಿ ಗುಂಡಿ ಅಮುಕಿದೆ, ಟಕ್ಕೆಂದು ಕೂತಿತು. ಒತ್ತುವ ಕೆಲಸ ದೊಡ್ಡಪ್ಪನಿಗೇ ಬಿಟ್ಟೆ. ಅವರು ಪಂಚೆ ಮೇಲೆ ಕಟ್ಟಿ, ಡ್ರೈವರ್ ಸೀಟಿನಲ್ಲಿ ಕೂತು, ಒಂದೇ ಬೆರಳಿನಿಂದ, ನಂಬಿಕೆಯಿಲ್ಲದವರಂತೆ ಮುಟ್ಟಿದರು. ಕೂಗಿತು. ಸ್ಟೇರಿಂಗನ್ನು ಎಡಕ್ಕೆ ತಿರುಗಿಸಿ ಒತ್ತಿದರು, ಬಲಕ್ಕೆ ತಿರುಗಿಸಿ ಒತ್ತಿದರು. ಆಮೇಲೆ ಸುಮ್ಮನೆ, ಯಾವ ಕಾರಣವೂ ಇಲ್ಲದೆ, ಬೀದಿಗೆಲ್ಲ ಕೇಳುವಂತೆ ಒಂದು ಉದ್ದನೆಯ ಹಾರನ್ ಹೊಡೆದರು. ಅಡುಗೆಮನೆಯ ಕಿಟಕಿಯಲ್ಲಿ ಅಮ್ಮ ನಿಂತಿದ್ದಳು.

ಎಫ್‌ಸಿ ಆಯಿತು. ಮುಂದಿನ ವಾರ ಅದೇ ಕಾರಿನಲ್ಲಿ ದೊಡ್ಡಪ್ಪ ನನ್ನನ್ನು ಕಾಲೇಜಿಗೆ ಕರೆದುಕೊಂಡು ಹೋಗಿ ಸೇರಿಸಿದರು. ಮಾತು ತಪ್ಪುವ ಮನುಷ್ಯರಲ್ಲ ಅವರು. ಆದರೆ ಒಪ್ಪಿದ್ದು ಸೇರಿಸುವುದಕ್ಕೆ ಮಾತ್ರ, ನಾನು ಮುಗಿಸುತ್ತೇನೆ ಎಂಬ ನಂಬಿಕೆ ಅವರಿಗೆ ಇರಲಿಲ್ಲ. ನನಗೂ ಸುಲಭವಾಗಲಿಲ್ಲ. ಕನ್ನಡದಲ್ಲಿ ಓದಿದ್ದವಳಿಗೆ ಇಂಗ್ಲಿಷಿನ ಪಾಠ ತಲೆಯ ಮೇಲೆ ಹೋಗುತ್ತಿತ್ತು. ಮೊದಲ ವರ್ಷ ಗಣಿತದಲ್ಲಿ ಫೇಲಾದೆ, ಮತ್ತೆ ಕಟ್ಟಿದೆ. ನನಗೆ ಪಾಠ ಹೇಳಿಕೊಡುವವರು ಮನೆಯಲ್ಲಿ ಯಾರೂ ಇರಲಿಲ್ಲ; ನಾನು ಓದುವಾಗ ಎದುರಿಗೆ ಕೂತು ಅವರೆಕಾಳು ಹಿಚುಕುತ್ತಾ ಎಚ್ಚರವಾಗಿರುತ್ತಿದ್ದ ಅಜ್ಜಿ ಇದ್ದಳು. ನಾನು ಬಿಎಸ್‌ಸಿ ಎರಡನೇ ವರ್ಷದಲ್ಲಿದ್ದಾಗ ಅಜ್ಜಿ ಹೋದಳು. ಅವಳ ಹಿಂದೆ ಮನೆಯೂ ಮೆಲ್ಲಗೆ ಬಿಚ್ಚಿಕೊಂಡಿತು. ಅಪ್ಪ, ದೊಡ್ಡಪ್ಪ ಬೇರೆಯಾದರು, ಜಗಳವಿಲ್ಲದೆ, ಸದ್ದಿಲ್ಲದೆ. ಕಾರನ್ನು ಯಾರೋ ಬಂದು ಕೊಂಡುಹೋದರು. ಈಗ ಆ ಜಾಗದಲ್ಲಿ ನಾಲ್ಕಂತಸ್ತಿನ ಕಟ್ಟಡವಿದೆ. ನೇರಳೆ ಮರವಿದ್ದಲ್ಲಿ ಸ್ಕೂಟರುಗಳು ನಿಲ್ಲುತ್ತವೆ. ಆ ರಸ್ತೆಯಲ್ಲಿ ಹೋಗುವಾಗ ನೆಲದ ಮೇಲೆ ನೀಲಿ ಕಲೆ ಹುಡುಕುವುದನ್ನು ನಾನಿನ್ನೂ ಬಿಟ್ಟಿಲ್ಲ. ಅಲ್ಲಿದ್ದವರೆಲ್ಲ ಒಂದೇ ಸೂರಿನ ಕೆಳಗೆ, ಒಂದೇ ಸಾರಿನ ಪಾತ್ರೆಯ ಸುತ್ತ ಕೂತಿದ್ದರು ಎಂಬುದನ್ನು ಈಗ ಯಾರಿಗೆ ತೋರಿಸಿ ನಂಬಿಸಲಿ?

ಘಟಿಕೋತ್ಸವಕ್ಕೆ ನನ್ನ ಜೊತೆ ಇಬ್ಬರನ್ನು ಮಾತ್ರ ಒಳಗೆ ಬಿಡುತ್ತೇವೆಂದಿದ್ದರು. ಅಪ್ಪ, ಅಮ್ಮ ಎಂದೇ ಎಲ್ಲರೂ ಅಂದುಕೊಂಡಿದ್ದೆವು. ಹಿಂದಿನ ದಿನ ಅಮ್ಮ ದೊಡ್ಡಪ್ಪನ ಹೊಸ ಬಾಡಿಗೆ ಮನೆಗೆ ತಾನೇ ಹೋಗಿ, "ಭಾವನೋರೇ, ನಂಗೆ ಅಲ್ಲೆಲ್ಲಾ ಕೂತ್ಕೊಳಕ್ಕಾಗಲ್ಲ, ನೀವೇ ಹೋಗ್ಬನ್ನಿ" ಎಂದು ತನ್ನ ಜಾಗ ಕೊಟ್ಟು ಬಂದಳು. ಕೂರಲು ಆಗದೇ ಇರುವಂಥದ್ದು ಅವಳಿಗೆ ಏನೂ ಆಗಿರಲಿಲ್ಲ. ಮರುದಿನ ಸಭಾಂಗಣದಲ್ಲಿ ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟ ಅಣ್ಣತಮ್ಮಂದಿರಿಬ್ಬರೂ ಅಕ್ಕಪಕ್ಕ ಕೂತಿದ್ದರು. ನನ್ನ ಹೆಸರು ಕೂಗಿದಾಗ ಅಪ್ಪ ಚಪ್ಪಾಳೆ ತಟ್ಟುವುದನ್ನೇ ಮರೆತರು. ವೇದಿಕೆಯ ಮೇಲೆ ನನ್ನ ಕೈಗೆ ಡಿಗ್ರಿ ಪತ್ರ ಕೊಟ್ಟರು. ಅದನ್ನು ಎದೆಗೊತ್ತಿಕೊಂಡು ಮೆಟ್ಟಿಲಿಳಿದು ಬಂದು, ಮೊದಲು ದೊಡ್ಡಪ್ಪನ ಕೈಗೇ ಇಟ್ಟೆ. ಅವರು ಕನ್ನಡಕ ಏರಿಸಿ, ತುಟಿ ಅಲ್ಲಾಡಿಸುತ್ತಾ, ಮೇಲಿನಿಂದ ಕೆಳಗಿನವರೆಗೆ ಪ್ರತಿ ಸಾಲೂ ಓದಿದರು. ಓದಿ ಮುಗಿಸಿ ನನ್ನನ್ನು ನೋಡದೆಯೇ ಕೇಳಿದರು:

"ಇದರ ಮೇಲಿಂದು ಯಾವ್ದಮ್ಮ? ಅದಕ್ಕೆ ಎಲ್ಲಿ ಹೋಗಿ ಸೇರಬೇಕು ಹೇಳು, ನಾನೇ ಬರ್ತೀನಿ."