ಮೇಸ್ತ್ರಿ ಕಲಿಸಿದ ಸುಳ್ಳು ಉರಿ

ಯುದ್ಧದ ಕಾಲದಲ್ಲಿ ಪೆಟ್ರೋಲು ಕಣ್ಣಿಗೂ ಬೀಳುತ್ತಿರಲಿಲ್ಲ. ನಾರಾಯಣಪೇಟೆಯಿಂದ ಮಕ್ತಲ್ ದಾಟಿ ಕೃಷ್ಣೆಯ ದಂಡೆಯವರೆಗೆ ಹೋಗುತ್ತಿದ್ದ ನಮ್ಮ ಬಸ್ಸು ಇದ್ದಲಿಯ ಗ್ಯಾಸಿನ ಮೇಲೆ ಓಡುತ್ತಿತ್ತು. ಬಸ್ಸಿನ ಬೆನ್ನಿಗೆ ಆಳೆತ್ತರದ ಕಬ್ಬಿಣದ ಡ್ರಮ್ಮು ಕಟ್ಟಿದ್ದರು. ಅದಕ್ಕೆ ಇದ್ದಲಿ ತುಂಬಿ, ಅಡಿಯಲ್ಲಿ ಬೆಂಕಿ ಹಚ್ಚಿ, ಗಾಳಿಯ ಚಕ್ರವನ್ನು ಕೈಯಿಂದ ತಿರುಗಿಸುತ್ತ ನಿಂತರೆ ಅರ್ಧ ತಾಸಿಗೆ ಗ್ಯಾಸು ಹುಟ್ಟುತ್ತಿತ್ತು, ಇಂಜಿನ್ನು ಕೆಮ್ಮುತ್ತ ಏಳುತ್ತಿತ್ತು. ಆ ಚಕ್ರ ತಿರುಗಿಸುವ ನಾಲ್ವರಲ್ಲಿ ನಾನೊಬ್ಬ. ಜನ ನಮ್ಮನ್ನು ‘ಗ್ಯಾಸಿನವರು’ ಎಂದು ಕರೆಯುತ್ತಿದ್ದರು. ಸಂಜೆ ಮನೆಗೆ ಹೋದರೆ ನನ್ನ ಹೆಂಡತಿ, ‘ಮೊದಲ ಮಾರಿ ತೊಳ್ಕೊಂಡು ಬರ್ರಿ, ಆಮ್ಯಾಲ ಗುರ್ತು ಹಿಡೀತೀನಿ’ ಎನ್ನುತ್ತಿದ್ದಳು.

ನಾಲ್ವರಲ್ಲಿ ಹಿರಿಯರು ಮಲ್ದಕಲ್ ಕಡೆಯವರು. ಅವರನ್ನು ನಾವು ಕಾಕಾ ಅನ್ನುತ್ತಿದ್ದೆವು. ಒಂದು ಸಲ ಬಸ್ಸು ನಿಲ್ಲಿಸುವ ಷೆಡ್ಡಿನ ಬಾಗಿಲು ಮುಚ್ಚಿಕೊಂಡು ನಾನೊಬ್ಬನೇ ಡ್ರಮ್ಮಿನ ಬೂದಿ ತೆಗೆಯುತ್ತಿದ್ದಾಗ ಗ್ಯಾಸು ತಲೆಗೇರಿ ಬಿದ್ದುಬಿಟ್ಟೆ. ಕಾಕಾ ನನ್ನ ಕಾಲು ಹಿಡಿದು ಅಂಗಳಕ್ಕೆ ಎಳೆದು ಹಾಕದಿದ್ದರೆ ಈ ಕಥೆ ಹೇಳಲು ನಾನು ಇರುತ್ತಿರಲಿಲ್ಲ. ಆ ದಿನದಿಂದ ಅವರ ಮಾತಿಗೆ ನಾನು ಎದುರಾಡಿದವನಲ್ಲ, ಒಂದೇ ಒಂದು ಸಂಗತಿ ಬಿಟ್ಟು.

ಯುದ್ಧ ಮುಗಿದ ಮೂರು ವರ್ಷಕ್ಕೆ ನಮ್ಮ ಸಂಸ್ಥಾನದ ಮೇಲೆ ಪೊಲೀಸ್ ಆಕ್ಷನ್ ಆಯಿತು. ಮಿಲಿಟರಿ ಲಾರಿಗಳು ಮಕ್ತಲ್ ಮೇಲೆ ಹಾದುಹೋದವು. ಧೂಳು ಇಳಿದ ಕೆಲವೇ ತಿಂಗಳಲ್ಲಿ ಬಸ್ಸುಗಳಿಗೆ ಪೆಟ್ರೋಲು ಬಂತು. ನಮ್ಮ ಡ್ರಮ್ಮುಗಳನ್ನು ಬಿಚ್ಚಿ ಷೆಡ್ಡಿನ ಹಿಂದೆ ಉರುಳಿಸಿದರು. ಹೊಸದಾಗಿ ಬಂದಿದ್ದ ಮದ್ರಾಸ್ ಕಡೆಯ ಇಂಜಿನಿಯರ್ ಸಾಹೇಬರು ಒಳ್ಳೆಯವರೇ. ‘ಇವರನ್ನು ಒಮ್ಮೆಗೇ ತೆಗೆಯುವುದು ಬೇಡ. ಆರು ತಿಂಗಳು ಗ್ಯಾಸ್ ವೆಲ್ಡಿಂಗ್ ಕಲಿಸಿರಿ. ಇಮ್ತಿಹಾನ್ ಪಾಸಾದವರು ಉಳಿಯಲಿ’ ಎಂದು ಹುಕುಂ ಬರೆದರು.

ಕಲಿಸಬೇಕಾದವನು ಗದ್ವಾಲದ ಮೇಸ್ತ್ರಿ. ನಮ್ಮವನೇ, ನಮ್ಮ ಹಾಗೆಯೇ ಹಣೆಗೆ ವಿಭೂತಿ ಹಚ್ಚುವವನು. ಸುತ್ತ ನಾಲ್ಕು ತಾಲೂಕಿನಲ್ಲಿ ಗ್ಯಾಸಿನಿಂದ ಕಬ್ಬಿಣ ಬೆಸೆಯಲು ಬರುತ್ತಿದ್ದುದು ಅವನೊಬ್ಬನಿಗೆ. ಸಾಹೇಬರು ಸಹ ಅವನಿಗೆ ಕುರ್ಚಿ ಕೊಟ್ಟು ಮಾತಾಡುತ್ತಿದ್ದರು. ತಾನು ಕೆಲಸ ಮಾಡುವಾಗ ಅವನು ಸುತ್ತ ಗೋಣಿತಟ್ಟು ಕಟ್ಟಿಕೊಳ್ಳುತ್ತಿದ್ದ. ‘ಕಣ್ಣಿಗೆ ಹತ್ತತೈತಿ, ದೂರ ನಿಲ್ರಿ’ ಎನ್ನುತ್ತಿದ್ದ. ನಾವು ನಂಬಿದೆವು.

ಬೆಸುಗೆಯ ಉರಿ ಉಗುಳುವ ನಳಿಗೆಯೊಳಗೆ ಎರಡು ಗಾಳಿ ಕೂಡುತ್ತವೆ. ಒಂದು ಕಾರ್ಬೈಡ್ ಕಲ್ಲಿಗೆ ನೀರು ಬಿದ್ದು ಹುಟ್ಟುವ ಗ್ಯಾಸು, ಇನ್ನೊಂದು ಸಿಲಿಂಡರಿನಿಂದ ಬರುವ ಆಕ್ಸಿಜನ್. ಎರಡನ್ನೂ ಎಷ್ಟೆಷ್ಟು ಬಿಡಬೇಕು ಅನ್ನುವುದರಲ್ಲೇ ಇಡೀ ವಿದ್ಯೆ. ಮೇಸ್ತ್ರಿ ನನ್ನ ಕೈಗೆ ನಳಿಗೆ ಕೊಟ್ಟು ಆಕ್ಸಿಜನ್ನಿನ ತಿರುಪನ್ನು ತಾನೇ ಪೂರಾ ತಿರುವಿದ. ಉರಿ ಚಿಕ್ಕದಾಗಿ, ಚೂಪಾಗಿ, ಸುಯ್ ಎಂದು ಸಿಳ್ಳೆ ಹಾಕತೊಡಗಿತು.

‘ಹಿಂಗ ಸಿಳ್ಳೆ ಹಾಕಬೇಕು ನೋಡ್ರಿ. ಕಿಡಿ ಎಷ್ಟು ಹಾರ್ತಾವೋ ಅಷ್ಟು ಬೆಸುಗೆ ಗಟ್ಟಿ.’

ಆರು ತಿಂಗಳು ನಾವು ಸಿಳ್ಳೆ ಹಾಕುವ ಉರಿಯಲ್ಲೇ ಕಬ್ಬಿಣ ಬೆಸೆದೆವು. ಕಾಕಾನಿಗೆ ಐವತ್ತು ದಾಟಿತ್ತು. ಆದರೂ ನಮ್ಮೆಲ್ಲರಿಗಿಂತ ಅವರ ಕೈ ನೆಟ್ಟಗೆ ಓಡುತ್ತಿತ್ತು. ಬೆಸೆದದ್ದನ್ನು ಅರದಿಂದ ಉಜ್ಜಿ ಫಳಫಳ ಮಾಡಿ ಮೇಸ್ತ್ರಿಯ ಮುಂದೆ ಇಟ್ಟರೆ, ‘ಭೇಷ್’ ಅನ್ನುತ್ತಿದ್ದ.

ಇಮ್ತಿಹಾನಿನ ದಿನ ಸಾಹೇಬರು ನಮ್ಮ ತುಂಡುಗಳನ್ನು ಒಂದೊಂದಾಗಿ ವೈಸಿನ ಕಬ್ಬಿಣದ ದವಡೆಗೆ ಸಿಕ್ಕಿಸಿ ಸುತ್ತಿಗೆಯಿಂದ ಹೊಡೆದರು. ನನ್ನದು ಒಂದೇ ಏಟಿಗೆ ಕಟಕ್ಕನೆ ಮುರಿಯಿತು. ಉಳಿದಿಬ್ಬರದೂ ಮುರಿಯಿತು. ಕಾಕಾನ ತುಂಡು ಮುರಿದಾಗ ಅವರು ಬಗ್ಗಿ ಎರಡೂ ಹೋಳನ್ನು ಎತ್ತಿಕೊಂಡು ಮುರಿದ ಬಾಯಿ ನೋಡಿದರು. ಒಳಗೆ ಕಬ್ಬಿಣ ಸುಟ್ಟು ಬೂದಿಯ ಹಾಗಿತ್ತು.

ಮೇಸ್ತ್ರಿ ನಕ್ಕ. ‘ಇದ್ದಲಿ ಮಾರಿಯವ್ರು ಸಾಹೇಬ್ರ. ಹೊಗಿ ಗೊತ್ತದ, ಗ್ಯಾಸ್ ಎಲ್ಲಿ ಗೊತ್ತಾಗಬೇಕು?’

ನಾಲ್ವರನ್ನೂ ಕೆಲಸದಿಂದ ತೆಗೆದರು. ಒಬ್ಬ ಮುಂಬಯಿಗೆ ಹೋದ, ಒಬ್ಬ ಊರಿಗೆ. ಕಾಕಾ ಮಕ್ತಲ್ ರಸ್ತೆಯಲ್ಲಿ ಜಲ್ಲಿ ಒಡೆಯಲು ಕುಳಿತರು. ತಾವು ಗ್ಯಾಸು ಹುಟ್ಟಿಸಿ ಓಡಿಸಿದ ಅದೇ ಬಸ್ಸು ಅವರ ಮುಂದೆಯೇ ಧೂಳು ಹಾರಿಸುತ್ತ ಹೋಗುತ್ತಿತ್ತು.

ನನಗೆ ಆಗ ಮೇಸ್ತ್ರಿಯ ಮೇಲೆ ಸಿಟ್ಟಿರಲಿಲ್ಲ. ನಮಗೇ ವಿದ್ಯೆ ಹತ್ತಲಿಲ್ಲ ಅಂದುಕೊಂಡಿದ್ದೆ. ಹೆಂಡತಿ ನೇಕಾರರ ಮನೆಗಳಿಗೆ ನೂಲು ಸುತ್ತಲು ಹೋಗತೊಡಗಿದಳು. ‘ನಾ ಇಲ್ಲಿ ನಡಸ್ತೀನಿ. ನೀವು ರಾಯಚೂರಿಗೆ ಹೋಗಿ ಮತ್ತ ಕಲೀರಿ’ ಎಂದಳು.

ರಾಯಚೂರಿನ ಸ್ಟೇಷನ್ ಹತ್ತಿರ ಒಬ್ಬ ಮುಸಲ್ಮಾನ ಉಸ್ತಾದ್ ಇದ್ದರು. ಬಿಳಿ ಗಡ್ಡ, ಸುಟ್ಟ ಬೆರಳು. ನನ್ನ ಮಾತು ಕೇಳಿ, ‘ಕಲ್ತಿದ್ದು ತೋರ್ಸು’ ಎಂದು ನಳಿಗೆ ಕೊಟ್ಟರು. ನಾನು ಹುರುಪಿನಿಂದ ಸಿಳ್ಳೆ ಹಾಕಿಸಿದೆ. ಅವರು ಓಡಿ ಬಂದು ತಿರುಪು ಹಿಂದಕ್ಕೆ ತಿರುವಿದರು. ಸಿಳ್ಳೆ ನಿಂತಿತು. ಉರಿ ಮೆತ್ತಗಾಯಿತು, ನಡುವೆ ನೀಲಿ ಮೊಗ್ಗಿನಂಥದ್ದು ನಿಂತಿತು. ಕಬ್ಬಿಣ ಕಿಡಿ ಹಾರಿಸದೆ ತುಪ್ಪದ ಹಾಗೆ ಕರಗಿ ಕೂಡಿಕೊಂಡಿತು.

‘ಆ ಉರಿ ನಿಂಗೆ ಯಾರು ಕಲ್ಸಿದ್ರು?’

‘ನಮ್ಮ ಮೇಸ್ತ್ರಿ.’

‘ಮೇಸ್ತ್ರಿ ಅಲ್ಲ ಬೇಟಾ. ದುಶ್ಮನ್. ಗೊತ್ತಿಲ್ದೋನು ಹಿಂಗೆ ಮಾಡಲ್ಲ, ಪೂರಾ ಗೊತ್ತಿರೋನೇ ಮಾಡ್ತಾನೆ.’

ಮೇಸ್ತ್ರಿ ಗೋಣಿತಟ್ಟು ಯಾಕೆ ಕಟ್ಟುತ್ತಿದ್ದ ಎಂಬುದು ಆಗ ತಿಳಿಯಿತು. ಆರು ತಿಂಗಳು ದಿನಾ ನಮ್ಮ ಮುಖ ನೋಡಿ ‘ಭೇಷ್’ ಅಂದಿದ್ದ. ಕಾಕಾ ಅವನಿಗೆ ತಮ್ಮ ಬುತ್ತಿಯ ರೊಟ್ಟಿ ಕೊಡುತ್ತಿದ್ದರು. ತಿನ್ನುತ್ತಿದ್ದ.

ಉಸ್ತಾದರ ಬಳಿ ಎರಡು ವರ್ಷ ಇದ್ದೆ. ಜನ ಹೊಟ್ಟೆಪಾಡಿಗೆ ಕಲಿಯುತ್ತಾರೆ, ನಾನು ಹಗೆಗೆ ಕಲಿತೆ. ಪ್ರತಿ ಬೆಸುಗೆ ಹಾಕುವಾಗಲೂ ಆ ನಗು ಕಿವಿಯಲ್ಲಿರುತ್ತಿತ್ತು. ಇಂಜಿನ್ನುಗಳನ್ನು ಎರಕ ಹೊಯ್ಯುವ ಬೀಡು ಕಬ್ಬಿಣ ಬೆಸೆಯುವುದು ಎಲ್ಲಕ್ಕಿಂತ ಕಷ್ಟದ್ದು. ಇಡೀ ಸಾಮಾನನ್ನು ಮೊದಲು ಕೆಂಡದಲ್ಲಿ ಕಾಯಿಸಬೇಕು, ಆಮೇಲೆ ಬೆಸೆಯಬೇಕು, ಬೂದಿಯಲ್ಲಿ ಹೂತಿಟ್ಟು ಎರಡು ದಿನ ಆರಿಸಬೇಕು. ಅದು ಮೇಸ್ತ್ರಿಗೂ ಬರುತ್ತಿರಲಿಲ್ಲ. ಅದನ್ನೇ ಹಟ ಹಿಡಿದು ಕಲಿತೆ.

ಒಂದು ದಿನ ಆ ಇಂಜಿನಿಯರ್ ಸಾಹೇಬರೇ ಒಡೆದ ಇಂಜಿನ್ ಬ್ಲಾಕು ಹೇರಿಕೊಂಡು ರಾಯಚೂರಿಗೆ ಬಂದರು. ನಾನು ಬೆಸೆದುಕೊಟ್ಟೆ. ಅವರು ಬಡಿದು, ನೀರು ತುಂಬಿ ನೋಡಿ, ‘ನಿನ್ನನ್ನು ಎಲ್ಲೋ ನೋಡಿದ್ದೇನಲ್ಲ’ ಎಂದರು.

‘ನೀವು ಫೇಲ್ ಮಾಡಿದ ಗ್ಯಾಸಿನವ್ನು ಸಾಹೇಬ್ರ.’

ಅವರು ಬೆಸೆದ ಜಾಗದ ಮೇಲೆ ಇನ್ನೊಮ್ಮೆ ಬೆರಳಾಡಿಸಿದರು. ಹೋಗುವಾಗ, ನಾರಾಯಣಪೇಟೆಗೆ ಬಂದು ಷೆಡ್ಡಿನವರೆಲ್ಲರಿಗೂ ಈ ಕೆಲಸ ಕಲಿಸಬೇಕೆಂದು ಕೇಳಿದರು. ಮೇಸ್ತ್ರಿಯೂ ಕಲಿತು ಪಾಸಾಗಬೇಕು, ತೀರ್ಮಾನ ನನ್ನದೇ. ನಾನು ಸಂಬಳ ಎಷ್ಟೆಂದೂ ಕೇಳದೆ ಒಪ್ಪಿದೆ.

ಮೊದಲ ದಿನವೇ ಷೆಡ್ಡಿನ ಗೋಣಿತಟ್ಟನ್ನು ಕಿತ್ತು ಹೊರಗೆ ಎಸೆದೆ. ಮೇಸ್ತ್ರಿಗೆ ತಪ್ಪು ಕಲಿಸುವ ಯೋಚನೆ ನನಗೆ ಬರಲಿಲ್ಲ ಎಂದರೆ ಸುಳ್ಳಾಗುತ್ತದೆ. ಬೂದಿಯಲ್ಲಿ ಹೂಳುವ ಮಾತನ್ನು ಹೇಳದೆ ಬಿಟ್ಟರೆ ಸಾಕಿತ್ತು. ಆದರೆ ಒಡೆದ ಬೆಸುಗೆಯ ಬಸ್ಸಿನಲ್ಲಿ ಕೂರುವವರು ಊರ ಜನ. ಅಲ್ಲದೆ ಅವನು ಮಾಡಿದ್ದನ್ನೇ ಮಾಡಿ ಅವನಷ್ಟೇ ಆಗುವುದು ನನಗೆ ಸಾಲದು ಅನಿಸಿತು.

ಇಮ್ತಿಹಾನಿನ ದಿನ ಕಾಕಾನನ್ನು ಮಕ್ತಲ್ಲಿನಿಂದ ಕರೆಸಿ ಮುಂದೆ ಕೂರಿಸಿದೆ. ಸಾಹೇಬರು, ಷೆಡ್ಡಿನ ಆಳುಗಳು, ಡ್ರೈವರುಗಳು ಎಲ್ಲ ಇದ್ದರು. ಮೇಸ್ತ್ರಿಯ ಕೈಗೆ ನಳಿಗೆ ಕೊಟ್ಟೆ.

‘ಮೊದಲ ಸಾದಾ ಕಬ್ಬಿಣ ಬೆಸೀರಿ ಮೇಸ್ತ್ರಿ. ನಮಗ ಹೆಂಗ ಕಲಿಸಿದ್ರೋ ಹಂಗ.’

ಸಿಳ್ಳೆ ಹಾಕಿಸಿದರೆ ತುಂಡು ಮುರಿಯುತ್ತದೆ, ಅವನು ಫೇಲು. ಮೆತ್ತಗಿನ ಉರಿ ಹಿಡಿದರೆ ನಮಗೆ ಕಲಿಸಿದ್ದು ಸುಳ್ಳೆಂದು ಎಲ್ಲರೆದುರು ಒಪ್ಪಿದ ಹಾಗೆ. ಅವನ ಹಣೆಯ ಬೆವರು ವಿಭೂತಿಯನ್ನು ತೊಳೆದುಕೊಂಡು ಇಳಿಯಿತು. ನಾನು ಕಣ್ಣು ತೆಗೆಯದೆ ನೋಡಿದೆ. ಎರಡು ವರ್ಷ ನಾನು ಕಾದಿದ್ದು ಅದಕ್ಕೇ.

ಕಡೆಗೆ ಅವನು ತಿರುಪನ್ನು ಹಿಂದಕ್ಕೆ ತಿರುವಿದ. ಮೆತ್ತಗಿನ ಉರಿಯಲ್ಲೇ ಬೆಸೆದ. ಸಾಹೇಬರು ಹೊಡೆದರು, ತುಂಡು ಬಾಗಿತು, ಮುರಿಯಲಿಲ್ಲ.

‘ನಮಗ ಇದನ್ನ ಯಾಕ ಹೇಳಲಿಲ್ಲ?’ ಎಂದೆ.

ಅವನು ನೆಲ ನೋಡುತ್ತ, ‘ನೀವು ನಾಲ್ಕು ಮಂದಿ ಕಲತರ ನನ್ನ ಯಾರು ಕೇಳತಿದ್ರು?’ ಎಂದ.

ಸಾಹೇಬರು ಅವನನ್ನು ಅಂದೇ ಮನೆಗೆ ಕಳಿಸಲು ಸಿದ್ಧರಿದ್ದರು. ನಾನು ಬೇಡವೆಂದೆ. ಹೋಗಿಬಿಟ್ಟರೆ ಅವನಿಗೆ ಬಿಡುಗಡೆ. ಮೇಸ್ತ್ರಿಗಿರಿ ತೆಗೆದು ಸಾದಾ ಕೆಲಸಗಾರನಾಗಿ ಇಟ್ಟುಕೊಳ್ಳಿ, ದಿನಾ ಕಾಕಾನಿಗೆ ವೆಲ್ಡಿಂಗ್ ಕಲಿಸಲಿ, ಕಾಕಾ ಪಾಸಾಗುವವರೆಗೆ ಅವನೂ ಪಾಸಲ್ಲ ಎಂದೆ. ಸಾಹೇಬರು ಒಪ್ಪಿದರು.

ಜಲ್ಲಿ ಒಡೆದು ಕಾಕಾನ ಕೈ ನಡುಗುತ್ತಿತ್ತು. ಒಂದು ಕಾಲಕ್ಕೆ ನೆಟ್ಟಗೆ ಓಡುತ್ತಿದ್ದ ಕೈ ಅದು. ಮೇಸ್ತ್ರಿ ಅವರ ಮಣಿಕಟ್ಟು ಹಿಡಿದು ನಿಲ್ಲಬೇಕಾಯಿತು, ಒಂದು ದಿನವಲ್ಲ, ಹನ್ನೊಂದು ತಿಂಗಳು. ನಾನು ಪಕ್ಕದಲ್ಲೇ ನಿಂತಿರುತ್ತಿದ್ದೆ. ‘ಇನ್ನೊಮ್ಮೆ ಹೇಳ್ರಿ ಮೇಸ್ತ್ರಿ, ಕಾಕಾಗ ತಿಳೀಲಿಲ್ಲ’ ಎನ್ನುತ್ತಿದ್ದೆ, ಕಾಕಾನಿಗೆ ತಿಳಿದಿದ್ದಾಗಲೂ. ಬೇರೆ ಯಾರೂ ಅವನನ್ನು ಮೇಸ್ತ್ರಿ ಅನ್ನದಿದ್ದರೂ ನಾನು ಬೇಕೆಂದೇ ಹಾಗೆ ಕರೆಯುತ್ತಿದ್ದೆ. ಅವನು ಹೇಳಿದ್ದನ್ನೇ ಹೇಳುತ್ತಿದ್ದ. ಒಮ್ಮೆಯೂ ಎದುರಾಡಲಿಲ್ಲ. ನನಗೆ ಸಂತೋಷವಾಗುತ್ತಿತ್ತು.

ಕಾಕಾ ಪಾಸಾದ ದಿನ ಇನ್ನೊಂದು ನಡೆಯಿತು. ಸಾಹೇಬರು ಸುತ್ತಿಗೆ ಕೆಳಗಿಟ್ಟ ಕೂಡಲೇ ಕಾಕಾ ಎದ್ದು ಹೋಗಿ ಮೇಸ್ತ್ರಿಯ ಕಾಲು ಮುಟ್ಟಿದರು. ತಮಗಿಂತ ಹತ್ತು ವರ್ಷ ಚಿಕ್ಕವನ ಕಾಲು! ಮೇಸ್ತ್ರಿ ಹಿಂದೆ ಸರಿದು ಗೋಡೆಗೆ ಒರಗಿ ಅತ್ತುಬಿಟ್ಟ.

ಕಾಕಾನನ್ನು ಹೊರಗೆ ಕರೆದು ಗದರಿದೆ. ‘ಏನ್ ಮಾಡಿದ್ರಿ ಕಾಕಾ? ಅಂವ ನಿಮ್ಮ ಅನ್ನ ಕಸಗೊಂಡಾಂವ!’

‘ಕಲಿಸ್ಯಾನಲ್ಲಪಾ. ಕಲಿಸಿದಾಂವ ಗುರು. ನೀನೂ ಬಿಟ್ಟುಬಿಡು ಇನ್ನ.’

ಅವರ ಆ ಒಂದು ಮಾತನ್ನು ನಾನು ನಡೆಸಲಿಲ್ಲ. ನಾನು ಹನ್ನೊಂದು ತಿಂಗಳು ಕೊಟ್ಟ ಶಿಕ್ಷೆಯನ್ನು ಮುದುಕರು ಒಂದು ಗಳಿಗೆಯಲ್ಲಿ ಗುರುದಕ್ಷಿಣೆ ಮಾಡಿಬಿಟ್ಟಿದ್ದರು. ಆ ದಿನ ನನಗೆ ಮೇಸ್ತ್ರಿಗಿಂತ ಅವರ ಮೇಲೆಯೇ ಹೆಚ್ಚು ಸಿಟ್ಟು ಬಂತು.

ಮುಂದಿನ ಬೇಸಿಗೆಯಲ್ಲಿ ಮೇಸ್ತ್ರಿಯ ಮಗಳ ಮದುವೆ. ನಮ್ಮಿಬ್ಬರಿಗೂ ಕರೆಯ ಅಕ್ಷತೆ ಬಂತು. ಕಾಕಾ ಒಬ್ಬರೇ ಹರಿಗೋಲಿನಲ್ಲಿ ಹೊಳೆ ದಾಟಿ ಗದ್ವಾಲಕ್ಕೆ ಹೋಗಿ ಬಂದರು. ಬರುವಾಗ, ‘ಅಂವ ನಿನಗಂತನ ಕಟ್ಟಿ ಕಳಿಸ್ಯಾನ’ ಎಂದು ಮುತ್ತುಗದ ಎಲೆಯಲ್ಲಿ ಹೋಳಿಗೆ ತಂದುಕೊಟ್ಟರು.

ಹೆಂಡತಿ ಒಂದು ತಿಂದು, ‘ಭಾಳ ಚೊಲೋ ಆಗ್ಯಾವ, ನೀವೂ ತಿನ್ರಿ’ ಎಂದಳು. ನಾನು ಮುಟ್ಟಲಿಲ್ಲ. ಉಳಿದದ್ದನ್ನು ಅವಳು ನೆರೆಮನೆಗೆ ಕೊಟ್ಟು ಬಂದಳು.