ಸಂಧಿಗೆ ಮೊದಲಿನ ಮೂರು ಸಾಲು

ಬಟ್ಟೆಯ ಗಂಟು ಬಿಚ್ಚಿದ ಕೂಡಲೇ ಹೊಗೆಸೊಪ್ಪಿನ ವಾಸನೆ ಬಂತು. ದೇವರ ಮುಂದೆ ಕುಳಿತು ಬಿಚ್ಚಿದ್ದರಿಂದ ಒಂದು ಕ್ಷಣ ಕಸಿವಿಸಿಯಾಯಿತು, ಊದುಬತ್ತಿಯ ಪರಿಮಳದ ನಡುವೆ ಇದೆಲ್ಲಿಂದ ಬಂತು ಅಂತ. ಆಮೇಲೆ ನೆನಪಾಯಿತು... ಪುಸ್ತಕಕ್ಕೆ ಹುಳ ಹಿಡಿಯಬಾರದು ಅಂತ ಅವರು ಹಾಳೆಗಳ ನಡುವೆ ಹೊಗೆಸೊಪ್ಪಿನ ಚೂರು ಇಡುತ್ತಿದ್ದರು. ಅದೇ ಸೊಪ್ಪನ್ನು ಎಲೆಅಡಿಕೆಯ ಜೊತೆ ದವಡೆಯಲ್ಲೂ ಇಟ್ಟುಕೊಳ್ಳುತ್ತಿದ್ದರು. ಪುಸ್ತಕ ಉಳಿಯಿತು.

ಅವರು ನಮ್ಮ ಪಕ್ಕದ ಮನೆಯ ದೊಡ್ಡಮ್ಮ. ಸಂಬಂಧದಲ್ಲಿ ಏನೂ ಅಲ್ಲ. ನಾನು ಸೀತೂರಿನಿಂದ ಮದುವೆಯಾಗಿ ಜಯಪುರಕ್ಕೆ ಬಂದಾಗ ಪೇಟೆಯ ಹಿಂದಿನ ಸಾಲುಮನೆಗಳಲ್ಲಿ ನಮ್ಮದೊಂದು, ಅವರದೊಂದು. ಎರಡಕ್ಕೂ ನಡುವೆ ಒಂದೇ ಗೋಡೆ. ನನ್ನ ಕಡೆ ಒಗ್ಗರಣೆ ಸೀದರೆ ಅವರ ಕಡೆಯಿಂದ ಕೆಮ್ಮು ಕೇಳುತ್ತಿತ್ತು. ಕೆಮ್ಮಿನ ಹಿಂದೆಯೇ ಮಾತು: "ಏ ಮಾರಾಯ್ತಿ, ಸಾಸಿವೆ ಸಿಡಿಸೋಕೆ ಹೇಳಿದ್ರೆ ಮನೆ ಸುಡ್ತೀಯಲ್ಲೇ!" ಅತ್ತೆಯಿಲ್ಲದ ಮನೆಗೆ ಬಂದ ನನಗೆ ಗೋಡೆಯಾಚೆಗಾದರೂ ಬೈಯುವವರು ಒಬ್ಬರಿದ್ದರಲ್ಲ, ಅದನ್ನು ನಾನು ದೇವರ ದಯೆ ಅಂತಲೇ ಲೆಕ್ಕ ಹಿಡಿದಿದ್ದೆ.

ಅವರ ಗಂಡ ತೀರಿಕೊಂಡು ಬಹಳ ವರ್ಷವಾಗಿತ್ತು. ಮಗ ಪಂಪ್‌ಸೆಟ್ ರಿಪೇರಿಯವನು, ಸೊಸೆ ಮನೆಯಲ್ಲೇ ಹೊಲಿಗೆ ಹಾಕುತ್ತಿದ್ದಳು. ದೊಡ್ಡಮ್ಮನ ಅಪ್ಪ ಕಡಹಿನಬೈಲಿನ ಕಡೆಯವರಂತೆ. ಮನೆಮನೆಗೆ ಹೋಗಿ ಹಳೆಯ ಕಾವ್ಯವನ್ನು ರಾಗವಾಗಿ ಓದಿ ಅರ್ಥ ಹೇಳುತ್ತಿದ್ದರಂತೆ. ಗಂಡುಮಕ್ಕಳು ಯಾರೂ ಕಲಿಯಲಿಲ್ಲ, ಬಾಗಿಲ ಸಂದಿಯಲ್ಲಿ ನಿಂತು ಕೇಳಿದ ಮಗಳು ಕಲಿತಳು. ಅಪ್ಪ ಓದುತ್ತಿದ್ದ ಆ ಕಾವ್ಯದ ಪುಸ್ತಕವೇ ಈಗ ನನ್ನ ಮಡಿಲಲ್ಲಿ ಇರುವುದು.

ಮಧ್ಯಾಹ್ನದ ಪಾತ್ರೆ ತೊಳೆದಾದ ಮೇಲೆ ಅವರ ಜಗಲಿಯಲ್ಲಿ ನಾವು ನಾಲ್ಕಾರು ಹೆಂಗಸರು ಸೇರುತ್ತಿದ್ದೆವು. ಪೇಟೆಯಲ್ಲಿ ಹೂವು ಮಾರುವ ಅಕ್ಕ ಬುಟ್ಟಿ ಸಮೇತ ಬಂದು ಕಟ್ಟುತ್ತಾ ಕೇಳುತ್ತಿದ್ದಳು. ಕಾವ್ಯದ ಒಂದೊಂದು ಭಾಗಕ್ಕೆ ಸಂಧಿ ಅನ್ನುತ್ತಾರೆ ಅಂತ ನನಗೆ ಗೊತ್ತಾಗಿದ್ದು ಅಲ್ಲಿ. ಪ್ರತಿ ಸಂಧಿಯ ತಲೆಯ ಮೇಲೆ ಮೂರು ಸಾಲಿನ ಪುಟ್ಟ ಪದ್ಯ ಇರುತ್ತದೆ. ಅದರ ಹೆಸರು ಸೂಚನೆ. ಈ ಸಂಧಿಯಲ್ಲಿ ಇಂಥವರು ಗೆಲ್ಲುತ್ತಾರೆ, ಇಂಥವರು ಕಾಡಿಗೆ ಹೋಗುತ್ತಾರೆ, ಇಂಥವರು ಸಾಯುತ್ತಾರೆ ಅಂತ ಕವಿ ಅಲ್ಲೇ ಹೇಳಿಬಿಡುತ್ತಾನೆ. ದೊಡ್ಡಮ್ಮ ಅದನ್ನು ನಿಧಾನವಾಗಿ ಓದಿ, ನಮ್ಮಿಂದಲೂ ಹೇಳಿಸಿ, ಕನ್ನಡಕ ಸರಿ ಮಾಡಿಕೊಂಡು "ಹ್ಞೂಂ, ಇನ್ನು ಶುರು ಮಾಡುವ" ಅನ್ನುತ್ತಿದ್ದರು. ಸೂಚನೆ ಓದದೆ ಸಂಧಿಗೆ ಕೈ ಹಾಕಿದವರಲ್ಲ. ಬಾಗಿಲು ತಟ್ಟದೆ ಒಬ್ಬರ ಮನೆಯೊಳಗೆ ನುಗ್ಗಿದ ಹಾಗೆ ಅದು ಅನ್ನುತ್ತಿದ್ದರು.

ಹೂವಿನ ಅಕ್ಕನಿಗೆ ಇದು ಹಿಡಿಸುತ್ತಿರಲಿಲ್ಲ. ಒಂದು ಸಲ ಹರೆಯದ ಮಗ ಯುದ್ಧಕ್ಕೆ ಹೋಗಿ ಸಾಯುವ ಸಂಧಿ ಬಂದಾಗ ಕೇಳಿಯೇ ಬಿಟ್ಟಳು.

"ಅಲ್ಲ ದೊಡ್ಡಮ್ಮ, ಹುಡುಗ ಸಾಯ್ತಾನೆ ಅಂತ ಮೊದ್ಲೇ ಹೇಳಿದ್ಮೇಲೆ ನಾವು ಕೂತು ಕೇಳೋದೆಂತಕ್ಕೆ? ಟೀವೀಲಿ ನೋಡಿ, ಕೊನೇವರೆಗೂ ಬಾಯಿ ಬಿಡಲ್ಲ."

"ಟೀವಿಯವ್ರಿಗೆ ನಾಳೆನೂ ನಿನ್ನ ಕೂರಿಸ್ಬೇಕು, ಅದಕ್ಕೆ ಬಾಯಿ ಬಿಡಲ್ಲ. ಕವಿಗೆ ಆ ದರ್ದೆಂತದೇ?" ದೊಡ್ಡಮ್ಮ ಎದ್ದು ಅಂಗಳದಂಚಿಗೆ ಹೋಗಿ ಎಲೆಅಡಿಕೆ ಉಗಿದು ಬಂದರು. "ನೋಡು, ತಲೆಬರಹ ಅಂದ್ರೆ ಬರೀ ಹೆಸರು. ಇದು ಹಂಗಲ್ಲ. ಎಂತಾಗ್ತದೆ ಅಂತ ಇದು ಹೇಳ್ತದೆ, ಹೆಂಗೆ ಅಂತ ಹೇಳಲ್ಲ. ಸಾಯ್ತಾನೆ ಅಂತ ಗೊತ್ತಿದ್ರೆ, ಬೆಳಗ್ಗೆ ಅವ ಅಮ್ಮನ ಎದುರು ಕೂತು ಉಣ್ತಾನಲ್ಲ, ಆ ತುತ್ತನ್ನೂ ನೀನು ಬೇರೆ ಥರ ನೋಡ್ತೀಯ. ಗೊತ್ತಿಲ್ದಿದ್ರೆ ಅದು ಬರೀ ಊಟ."

ಹೂವಿನ ಅಕ್ಕ "ನಂಗಂತೂ ಬರೀ ಊಟ ಸಾಕಪ್ಪ" ಅಂದಳು. ಎಲ್ಲರೂ ನಕ್ಕೆವು. ಆದರೆ ಆ ಸಂಧಿಯ ಕೊನೆಗೆ ಮೊದಲು ಕಣ್ಣು ಒರೆಸಿಕೊಂಡವಳು ಅವಳೇ.

ಹೀಗೆ ವರ್ಷಗಳು ಹೋದವು...

ಒಂದು ಚಳಿಗಾಲದಲ್ಲಿ ದೊಡ್ಡಮ್ಮ ಓದುವಾಗ ನಡುನಡುವೆ ನಿಲ್ಲಿಸಿ ಕೆನ್ನೆ ಹಿಡಿದುಕೊಳ್ಳತೊಡಗಿದರು. ನಾಲಗೆಯ ಬದಿಯಲ್ಲಿ ಹುಣ್ಣು. ಬಸಳೆ ಸೊಪ್ಪಿನ ರಸ ಹಚ್ಚಿದರು, ಜೇನು ಹಚ್ಚಿದರು, ಎಲೆಅಡಿಕೆಯನ್ನೇ ಬಿಟ್ಟರು. ಹುಣ್ಣು ಬಿಡಲಿಲ್ಲ. ಕೊಪ್ಪದಲ್ಲಿ ಡಾಕ್ಟರಿಗೆ ತೋರಿಸಿದಾಗ ಘಟ್ಟದ ಕೆಳಗಿನ ದೊಡ್ಡಾಸ್ಪತ್ರೆಗೆ ಹೋಗಿ ಅಂದರು. ಸೊಸೆಗೆ ಆಗ ಬಾಣಂತನ ಮುಗಿದಿರಲಿಲ್ಲ. ಹೆಂಗಸರೊಬ್ಬರು ಜೊತೆಗೆ ಬೇಕಲ್ಲ ಅಂತ ನಾನು ಹೋದೆ.

ದೊಡ್ಡಮ್ಮನನ್ನು ಹೊರಗೆ ಬೆಂಚಿನ ಮೇಲೆ ಕೂರಿಸಿ ಡಾಕ್ಟರು ಮಗನನ್ನೂ ನನ್ನನ್ನೂ ಒಳಗೆ ಕರೆದರು. ಹೇಳುವುದನ್ನು ಹೇಳಿದರು. ಹೊರಗೆ ಬಂದ ಮಗ ನಲ್ಲಿಯಲ್ಲಿ ಮುಖ ತೊಳೆದುಕೊಂಡು, ನನ್ನ ಹತ್ತಿರ ಕೈ ಮುಗಿದ ಹಾಗೆ ನಿಂತ. "ಅಮ್ಮಂಗೆ ಹೇಳೋದು ಬೇಡ ಅಕ್ಕ. ಹುಣ್ಣು ತೆಗ್ದು ಹೊಲಿಗೆ ಹಾಕ್ತಾರೆ ಅಂತ ಅಷ್ಟೇ ಹೇಳುವ. ಧೈರ್ಯ ಇರ್ಲಿ ಅವ್ರಿಗೆ." ನಾನು ತಲೆಯಾಡಿಸಿದೆ. ಘಟ್ಟ ಹತ್ತುವಷ್ಟು ಹೊತ್ತೂ ಬಸ್ಸಿನಲ್ಲಿ ದೊಡ್ಡಮ್ಮ ಕಿಟಕಿಯ ಆಚೆ ನೋಡುತ್ತಿದ್ದರು. ಒಂದು ಮಾತೂ ಕೇಳಲಿಲ್ಲ.

ಕೇಳಿದ್ದು ಮಾರನೆಯ ದಿನ. ನಾನು ಅಡುಗೆಮನೆಯಲ್ಲಿ ಅಕ್ಕಿ ಆರಿಸುತ್ತಾ ಕುಳಿತಿದ್ದೆ. ಬಂದವರು ನನ್ನೆದುರು ಮಣೆ ಎಳೆದುಕೊಂಡು ಕೂತರು. ಮೊರಕ್ಕೆ ಕೈ ಹಾಕಿ ಅವರೂ ನೆಲ್ಲು ಹೆಕ್ಕತೊಡಗಿದರು.

"ನಿಂಗೆ ಸುಳ್ಳು ಹೇಳ್ಲಿಕ್ಕೆ ಬರಲ್ಲ, ಮಾರಾಯ್ತಿ. ನಿನ್ನೆಯಿಂದ ನನ್ನ ಮುಖ ನೋಡ್ತಿಲ್ಲ ನೀನು."

"ಎಂತೂ ಇಲ್ಲ ದೊಡ್ಡಮ್ಮ..."

"ಮಗ ಹೇಳಲ್ಲ, ಪಾಪ. ಅವಂಗೆ ಆಗಲ್ಲ. ನೀನು ಹೇಳು." ಕೈ ಅಕ್ಕಿಯಲ್ಲೇ ಇತ್ತು. "ಸೂಚನೆ ಹೇಳು ಸಾಕು. ಸಂಧಿ ಬೇಡ."

ಒಲೆಯ ಮೇಲೆ ನೀರು ಕುದಿಯುತ್ತಿತ್ತು. ಇವರಿಗೆ ಹೇಗೆ ಸುಳ್ಳು ಹೇಳಲಿ? ಯಾರಿಗೇ ಏನಾಗುವುದಿದ್ದರೂ ಮೊದಲು ಅದನ್ನು ಓದಿ, ಆಮೇಲೆ ಮುಂದಿನದನ್ನು ಕೇಳಿಸಿದವರು. ನಾನು ದೇವರ ಗೂಡಿನ ಕಡೆ ಒಮ್ಮೆ ನೋಡಿ, ಹೇಳಿದೆ. ಅದು ಕ್ಯಾನ್ಸರ್. ನಾಲಗೆಯನ್ನು ಬಹುಪಾಲು ತೆಗೆಯುತ್ತಾರೆ, ಆಮೇಲೆ ಮಾತಿಲ್ಲ. ತೆಗೆದರೂ ಉಳಿಯುವುದು ಕಷ್ಟ ಅಂದರು.

"ಹ್ಞೂಂ" ಅಂದರು.

ಎಷ್ಟೋ ಹೊತ್ತು ಅಕ್ಕಿ ಆರಿಸಿದೆವು. ಆಮೇಲೆ ಕಾಫಿ ಕೇಳಿದರು. ಬಿಸಿ ತಾಗಿದರೆ ಉರಿಯುತ್ತಿತ್ತು, ಅದಕ್ಕೆ ಪೂರ್ತಿ ಆರುವವರೆಗೆ ಲೋಟ ಹಿಡಿದು ಕೂತಿದ್ದು ಕುಡಿದರು. ಲೋಟ ತೊಳೆದು ಕವುಚಿಟ್ಟರು. ಬಾಗಿಲಲ್ಲಿ ತಿರುಗಿ, "ನಾಡಿದ್ದು ಎಲ್ರಿಗೂ ಬರೋಕೆ ಹೇಳು, ಓದುವ" ಅಂದರು.

ಅವತ್ತು ಯಾವ ಸಂಧಿ ತೆಗೆಯುತ್ತಾರೋ ಅಂತ ನಾನು ಬೆಳಗಿನಿಂದ ಯೋಚಿಸುತ್ತಿದ್ದೆ. ಪಟ್ಟಾಭಿಷೇಕದ ಮಂಗಳದ್ದು ಇರಬಹುದು ಅಂದುಕೊಂಡಿದ್ದೆ. ಅವರು ತೆಗೆದದ್ದು ಮದುವೆಯ ಊಟದ ಸಂಧಿ. ಯಾರೂ ಸಾಯದ, ಯಾರೂ ಶಪಿಸದ ಸಂಧಿ. ಬರೀ ಪದ್ಯ ಪದ್ಯಗಳ ತುಂಬ ಬಡಿಸುವುದು, ಉಣ್ಣುವುದು. ಪ್ರತಿ ಸಲವೂ ನಾವು ಅಲ್ಲಿ ಬಿದ್ದು ಬಿದ್ದು ನಗುತ್ತಿದ್ದೆವು. ಯಾಕೆಂದರೆ ಹಪ್ಪಳದ ಸರದಿ ಬಂದಾಗ ದೊಡ್ಡಮ್ಮ ಬಾಯಿಂದಲೇ ಮುರಿದ ಸದ್ದು ಮಾಡಿ ತೋರಿಸುತ್ತಿದ್ದರು.

ಪುಸ್ತಕದ ಸೂಚನೆ ಓದಿದರು. ನಾವೂ ಹೇಳಿದೆವು. "ಇನ್ನು ಶುರು ಮಾಡುವ" ಅನ್ನುವ ಜಾಗದಲ್ಲಿ ನಿಲ್ಲಿಸಿದರು.

"ನಂದೂ ಒಂದು ಹೇಳಿಬಿಡ್ತೀನಿ. ಇವತ್ತಿಂದು ಮುಗಿದ ಮೇಲೆ ನಾನು ಓದೋದಿಲ್ಲ. ಬರೋ ವಾರ ನಾಲಗೆ ತೆಗೀತಾರೆ. ಆಮೇಲೆ ಹೆಚ್ಚು ದಿನ ಇರಲ್ಲ." ಕನ್ನಡಕ ಸರಿ ಮಾಡಿಕೊಂಡರು. "ಹ್ಞೂಂ. ಶುರು ಮಾಡುವ."

ಹೂವಿನ ಅಕ್ಕನ ಕೈಯ ದಾರ ಹಾಗೇ ನಿಂತಿತು. ಒಳಗೆ ತೊಟ್ಟಿಲು ತೂಗುತ್ತಿದ್ದ ಸದ್ದೂ ನಿಂತಿತು. ಅವರು ಓದಿದರು. ನೋವಿಗೆ ಅಕ್ಷರಗಳು ಒಂದಕ್ಕೊಂದು ಅಂಟುತ್ತಿದ್ದವು, ಆದರೆ ರಾಗ ಮುರಿಯಲಿಲ್ಲ. ಪಾಯಸ ಬಂತು, ಕಡುಬು ಬಂತು. ಹಪ್ಪಳ ಬಂತು. ಅವರು ಮುರಿದ ಸದ್ದು ಮಾಡಿದರು. ಯಾರೂ ನಗಲಿಲ್ಲ.

ಅವರು ಪುಸ್ತಕದಿಂದ ತಲೆಯೆತ್ತಿ ಗದರಿದರು. "ನಗ್ರೇ! ನಗೋ ಜಾಗ ಇದು."

ಹೂವಿನ ಅಕ್ಕ ಮೊದಲು ನಕ್ಕಳು. ಅದು ನಗುವಾ ಅಂತ ಕೇಳಿದರೆ ನನಗೆ ಗೊತ್ತಿಲ್ಲ... ಅವಳ ಹಿಂದೆ ನಾವೆಲ್ಲರೂ ನಕ್ಕೆವು. ಆ ಊಟವನ್ನು ನಾನು ಅದುವರೆಗೆ ಎಷ್ಟು ಸಲ ಕೇಳಿದ್ದೆನೋ. ನೋಡಿದ್ದು ಅವತ್ತು.

ರಾತ್ರಿಯಾಗುವ ಮೊದಲೇ ಸೊಸೆ ಮಗುವನ್ನು ಎತ್ತಿಕೊಂಡು ನಮ್ಮ ಬಾಗಿಲಿಗೆ ಬಂದಳು. "ಸಾವಿನ ಮಾತು ಹೇಳ್ಲಿಕ್ಕೆ ನೀವ್ಯಾರು ಅಕ್ಕ? ಆಸೆ ಇಟ್ಕೊಂಡು ಹೋಗಿದ್ರೆ ಉಳೀತಿದ್ರೇನೋ. ಅದನ್ನೂ ಕಿತ್ಕೊಂಡ್ರಲ್ಲ." ಅವಳು ಕೆಟ್ಟವಳಲ್ಲ. ಮುಂದೆ ಮೂಗಿನ ನಳಿಗೆಯಲ್ಲಿ ಗಂಜಿಯ ತಿಳಿ ಬಿಟ್ಟವಳು, ಹಾಸಿಗೆ ಬದಲಿಸಿದವಳು ಅವಳೇ. ನಾನು ಹೇಳಿದ್ದು ತಪ್ಪು ಅಂತ ಇವತ್ತಿಗೂ ಅನಿಸಿಲ್ಲ. ಸರಿ ಅಂತ ಎದೆ ತಟ್ಟಿ ಹೇಳಲಿಕ್ಕೂ ಆಗುವುದಿಲ್ಲ.

ಆಪರೇಷನ್ನಿನ ದಿನ ನಾನು ಶೃಂಗೇರಿಗೆ ಹೋದೆ. ನಮ್ಮ ಮಕ್ಕಳಿಗೆ ಅಕ್ಷರ ತಿದ್ದಿಸಿದ್ದು ಆ ತಾಯಿಯ ಎದುರಿಗೇ. ಮಾತು ಕೊಡುವವಳು ಅವಳು. "ನೀನು ಕೊಟ್ಟಿದ್ದನ್ನ ಇವತ್ತು ತೆಗೀತಿದ್ದಾರೆ, ನೋಡ್ಕೋ ತಾಯಿ" ಅಂದೆ. ಬೇರೇನು ಕೇಳಬೇಕೋ ತಿಳಿಯಲಿಲ್ಲ. ಅವಳ ಮುಖ ಎಂದಿನ ಹಾಗೇ ಶಾಂತವಾಗಿತ್ತು. ಪಂಕ್ತಿಯಲ್ಲಿ ಕೂತು ಉಂಡು, ತೀರ್ಥ ಹಿಡಿದುಕೊಂಡು ಬಂದೆ. ಸಂಜೆ ಫೋನಿನಲ್ಲಿ ದೊಡ್ಡಮ್ಮನ ಮಗ, ಜೀವಕ್ಕೇನೂ ಆಗಿಲ್ಲ ಅಂದ. ಅಷ್ಟಾದರೂ ಅಂತ ದೀಪ ಹಚ್ಚಿದೆ.

ಊರಿಗೆ ಬಂದ ಮೇಲೆ ದೊಡ್ಡಮ್ಮ ನನ್ನನ್ನು ಕರೆಯಬೇಕಾದರೆ ಗೋಡೆಗೆ ಲೋಟ ಬಡಿಯುತ್ತಿದ್ದರು. ನಾನು ಹೋಗಿ ಓದುತ್ತಿದ್ದೆ. ಸೊಸೆ ನನ್ನನ್ನು ಮಾತಾಡಿಸುತ್ತಿರಲಿಲ್ಲ, ಆದರೆ ಬಾಗಿಲು ತೆಗೆದು ಪಕ್ಕಕ್ಕೆ ಸರಿಯುತ್ತಿದ್ದಳು. ಅದಕ್ಕೂ ನಾನು ಮನಸ್ಸಿನಲ್ಲೇ ಕೈ ಮುಗಿಯುತ್ತಿದ್ದೆ. ನನಗೆ ರಾಗ ಬರುವುದಿಲ್ಲ, ತೊಡರಿ ತೊಡರಿ ಓದುತ್ತೇನೆ. ತಪ್ಪಿದಲ್ಲಿ ಅವರು ಮಂಚದ ಅಂಚಿಗೆ ಬೆರಳು ಬಡಿಯುತ್ತಿದ್ದರು. ಬಹಳ ಬಡಿಯುತ್ತಿದ್ದರು.

ಬೇಸಿಗೆಯಲ್ಲಿ ಕುತ್ತಿಗೆಯಲ್ಲಿ ಮತ್ತೆ ಗಂಟು ಕಂಡಿತು. ಒಂದು ಸಂಧಿ ಮುಗಿಯುವಷ್ಟರಲ್ಲಿ ಅವರಿಗೆ ಕಣ್ಣು ಎಳೆಯುತ್ತಿತ್ತು. ಒಂದು ದಿನ ಪುಸ್ತಕವನ್ನು ತಾವೇ ಕೈಗೆ ತೆಗೆದುಕೊಂಡು, ಒಂದು ಸೂಚನೆಯ ಮೇಲೆ ಬೆರಳಿಟ್ಟರು. ಹಾಳೆಗಳನ್ನು ಒಟ್ಟಿಗೆ ಮಗುಚಿ ಮುಂದಿನ ಸಂಧಿಯ ಸೂಚನೆಯ ಮೇಲೆ ಇಟ್ಟರು. ಮತ್ತೆ ಮಗುಚಿದರು. ನನಗೆ ಅರ್ಥವಾಯಿತು. ಸಂಧಿಗಳಿಗೆ ಇನ್ನು ಹೊತ್ತಿಲ್ಲ.

ಆಮೇಲೆ ಬರೀ ಸೂಚನೆಗಳನ್ನೇ ಓದಿದೆ. ಇವರು ಜೂಜಿನಲ್ಲಿ ಸೋತರು. ಇವರು ಕಾಡು ಸೇರಿದರು. ಇವನು ಮಡಿದ, ಇವಳು ಅತ್ತಳು. ಅಷ್ಟು ದೊಡ್ಡ ಕಾವ್ಯ, ಮೂರು ಮೂರು ಸಾಲಿನಲ್ಲಿ ಓಡಿತು. ಪ್ರತಿಯೊಂದರ ಕೊನೆಗೂ ನಾನು ನಿಲ್ಲಿಸಿ ಅವರ ಮುಖ ನೋಡುತ್ತಿದ್ದೆ. ಅವರು ಒಮ್ಮೆ ಬೆರಳು ಬಡಿಯುತ್ತಿದ್ದರು. ತಪ್ಪಿಗೆ ಬಡಿಯುವ ಹಾಗಲ್ಲ, ಮೆಲ್ಲಗೆ. ಅದು "ಹ್ಞೂಂ". ಒಳಗಿನ ಸಂಧಿಯನ್ನು ಅವರು ತಲೆಯಲ್ಲೇ ಓದಿಕೊಂಡು ಬರುತ್ತಿದ್ದರೇನೋ... ನಾನು ಕಾಯುತ್ತಿದ್ದೆ.

ಕೊನೆ ಮುಟ್ಟಲಿಲ್ಲ. ಒಂದು ಮಧ್ಯಾಹ್ನ ಓದಿ ನಿಲ್ಲಿಸಿದಾಗ ಬೆರಳು ಅಲುಗಲಿಲ್ಲ. ಅವರೇ ದಿಂಬಿನ ಪಕ್ಕದಲ್ಲಿ ಇಟ್ಟುಕೊಂಡಿದ್ದ ಹೊಗೆಸೊಪ್ಪಿನ ಕಡ್ಡಿಯನ್ನು ಆ ಹಾಳೆಗೆ ಇಟ್ಟು, ಸೊಸೆಯನ್ನು ಕೂಗಿದೆ.

ಈಗ ಅದಾಗಿ ವರ್ಷಗಳು ಕಳೆದಿವೆ. ಹೂವಿನ ಅಕ್ಕನೂ ಇಲ್ಲ. ಉಳಿದವರಲ್ಲಿ ಒಬ್ಬರಿಗೆ ಕಿವಿ ಕೇಳಿಸದು, ಒಬ್ಬರು ನರಸಿಂಹರಾಜಪುರದ ಮಗಳ ಮನೆಯಲ್ಲಿದ್ದಾರೆ. ಮೊನ್ನೆ ಪಕ್ಕದ ಮನೆಯ ಸಾಮಾನು ಜೀಪಿಗೆ ಏರಿತು. ಮಗನ ರಿಪೇರಿ ಅಂಗಡಿ ಕೊಪ್ಪಕ್ಕೆ ಹೋಗಿದೆ, ಸಂಸಾರವೂ ಹೊರಟಿತು. ಸೊಸೆ ಈ ಗಂಟು ಹಿಡಿದು ನಮ್ಮ ಬಾಗಿಲಿಗೆ ಬಂದಳು. ಅವಳ ತಲೆಯೂ ನೆರೆತಿದೆ. ಒಳಗೆ ಬಾ ಅಂದೆ, ಬರಲಿಲ್ಲ.

"ನಮ್ಮಲ್ಲಿ ಓದೋರಿಲ್ಲ" ಅಂದಳು.

"ನಮ್ಮಲ್ಲೂ ಇಲ್ಲ" ಅಂದೆ.

"ಇಟ್ಕೊಳ್ಳಿ."

ಅಷ್ಟೇ. ಇಷ್ಟು ವರ್ಷದ ಮೇಲೆ ಅವಳು ನನ್ನ ಹತ್ತಿರ ಆಡಿದ್ದು ಆ ಎರಡು ಮಾತು. ಅದೂ ಸಿಕ್ಕಿತಲ್ಲ ಅಂತ ಅಂದುಕೊಂಡೆ.

ಇವತ್ತು ಗಂಟು ಬಿಚ್ಚಿದೆ. ಕಡ್ಡಿ ಇಟ್ಟಲ್ಲೇ ಇದೆ. ಅದರ ಮುಂದಿನ ಸಂಧಿಯ ಸೂಚನೆಯನ್ನು ಹುಡುಕಿ, ಗಟ್ಟಿಯಾಗಿ ಓದಿದೆ. ಓದಿ, ಅಭ್ಯಾಸಬಲದಿಂದ ನಿಲ್ಲಿಸಿ ಕಾದೆ. ದೀಪದ ಬತ್ತಿ ಸಣ್ಣಗೆ ಸದ್ದು ಮಾಡಿತು. ಸಂಧಿ ಶುರು ಮಾಡಲಿಕ್ಕೆ ನನ್ನಿಂದಾಗಲಿಲ್ಲ. ಹಾಗೇ ಸುತ್ತಿ ಕಟ್ಟಿ ದೇವರ ಗೂಡಿನ ಕೆಳಗೆ ಇಟ್ಟೆ.

ಎದ್ದು ಹೋಗಿ ಸಾರಿಗೆ ಒಗ್ಗರಣೆ ಇಟ್ಟೆ. ಮನಸ್ಸು ಎಲ್ಲೋ ಇತ್ತು, ಸೀದುಹೋಯಿತು. ಸೌಟು ಹಿಡಿದುಕೊಂಡು ಗೋಡೆಯ ಕಡೆ ತಿರುಗಿ ನಿಂತೆ. ಹೊಗೆ ಕಿಟಕಿಯಿಂದ ಪೂರ್ತಿ ಹೊರಗೆ ಹೋಯಿತು. ಆ ಕಡೆಯಿಂದ ಯಾರೂ ಕೆಮ್ಮಲಿಲ್ಲ.